ಸತ್ತ ಎಲ್ವಿಸ್‌ಗೆ ಬಿಡುವಿಲ್ಲ

1992ರಲ್ಲಿ ಅಮೆರಿಕದಲ್ಲಿ ಎರಡು ಚುನಾವಣೆಗಳು ನಡೆದವು. ಒಂದರಲ್ಲಿ ಬಿಲ್ ಕ್ಲಿಂಟನ್, ಜಾರ್ಜ್ ಬುಷ್, ರಾಸ್ ಪೆರೋ ಕಣದಲ್ಲಿದ್ದರು. ಇನ್ನೊಂದರಲ್ಲಿ ರಾಕ್ ಗಾಯಕ ಎಲ್ವಿಸ್ ಪ್ರೆಸ್ಲಿಯ ಎದುರು ಎಲ್ವಿಸ್ ಪ್ರೆಸ್ಲಿಯೇ ನಿಂತಿದ್ದ. ಅವನು ಸತ್ತು ಆಗಲೇ ಹದಿನೈದು ವರ್ಷವಾಗಿತ್ತು. ಅಂಚೆ ಇಲಾಖೆ ಅವನ ಚಿತ್ರವಿರುವ 29 ಸೆಂಟಿನ ಅಂಚೆಚೀಟಿ ತರಲು ಹೊರಟಿತ್ತು; ಯಾವ ಎಲ್ವಿಸ್ ಎಂಬುದು ತಕರಾರಾಯಿತು. ಐವತ್ತರ ದಶಕದ, ಮೈಕಿನ ಮೇಲೆ ಬಾಗಿದ ತೆಳ್ಳನೆಯ ಹುಡುಗನೋ, ಎಪ್ಪತ್ತರ ದಶಕದ, ಹರಳು ಹೊಲಿದ ಬಿಳಿ ಉಡುಪಿನ ಗಾಯಕನೋ? ಎರಡನೆಯವನನ್ನು ಪತ್ರಿಕೆಗಳು ‘ಮುದುಕ ಎಲ್ವಿಸ್’ ಎಂದು ಕರೆದವು. ಪಾಪ, ಅವನು ತೀರಿಕೊಂಡದ್ದೇ 42ನೇ ವಯಸ್ಸಿನಲ್ಲಿ.

ಮತಪತ್ರಗಳು ಅಚ್ಚಾಗಿ ಅಂಚೆ ಕಚೇರಿಗಳಿಗೆ ಬಂದವು. ಹನ್ನೊಂದು ಲಕ್ಷಕ್ಕೂ ಹೆಚ್ಚು ಜನ ಮತ ಹಾಕಿದರು. ತರುಣ ಎಲ್ವಿಸ್‌ಗೆ ಸುಮಾರು ಮುಕ್ಕಾಲು ಪಾಲು ಮತ ಬಿದ್ದವು; ಮುದುಕ ಎಲ್ವಿಸ್ ಠೇವಣಿ ಉಳಿಸಿಕೊಂಡದ್ದೇ ಹೆಚ್ಚು. ಇತ್ತ ದೊಡ್ಡ ಚುನಾವಣೆಯ ಅಭ್ಯರ್ಥಿ ಕ್ಲಿಂಟನ್ ಅದೇ ಜೂನ್‌ನಲ್ಲಿ ಟಿವಿಗೆ ಬಂದು, ಕಪ್ಪು ಕನ್ನಡಕ ಹಾಕಿಕೊಂಡು, ಸ್ಯಾಕ್ಸೋಫೋನಿನಲ್ಲಿ ಎಲ್ವಿಸ್‌ನ ‘ಹಾರ್ಟ್‌ಬ್ರೇಕ್ ಹೋಟೆಲ್’ ಊದಿದರು, ನವೆಂಬರ್‌ನಲ್ಲಿ ಗೆದ್ದರು. ಆರ್ಥಿಕ ನೀತಿಯ ಬಗ್ಗೆಯೂ ಅವರು ಏನೋ ಹೇಳಿದ್ದರಂತೆ.

ಅಂಚೆಚೀಟಿ 1993ರ ಜನವರಿ 8ರಂದು, ಎಲ್ವಿಸ್‌ನ ಹುಟ್ಟುಹಬ್ಬದ ದಿನ, ಬಿಡುಗಡೆಯಾಯಿತು. ಐವತ್ತು ಕೋಟಿಗೂ ಹೆಚ್ಚು ಅಚ್ಚಾದವು. ಕೊಂಡವರಲ್ಲಿ ಎಷ್ಟೋ ಮಂದಿ ಅದನ್ನು ಲಕೋಟೆಗೆ ಅಂಟಿಸಲೇ ಇಲ್ಲ, ಆಲ್ಬಮ್ಮಿನಲ್ಲಿ ಜೋಪಾನ ಮಾಡಿದರು. ಪತ್ರ ಸಾಗಿಸುವ ಕೆಲಸವೇ ಇಲ್ಲದೆ ಪತ್ರ ಸಾಗಿಸಿದ ಹಣ ಇಲಾಖೆಯ ಖಜಾನೆಗೆ ಬಿತ್ತು. ಅಂಟಿಸಿದವರಾದರೂ ಸುಮ್ಮನಿದ್ದರೇ? ಎಲ್ವಿಸ್ ಹಾಡಿದ ‘ರಿಟರ್ನ್ ಟು ಸೆಂಡರ್’ ಎಂಬ ಜನಪ್ರಿಯ ಹಾಡಿದೆ. ಪ್ರೇಯಸಿಗೆ ಬರೆದ ಪತ್ರ ವಿಳಾಸ ತಪ್ಪೆಂದು ಮರಳಿ ಬರುವ ಕಥೆ. ಅಭಿಮಾನಿಗಳು ಇಲ್ಲದ ಊರಿನ, ಇಲ್ಲದ ಬೀದಿಯ ವಿಳಾಸ ಬರೆದು ಪತ್ರ ಹಾಕಿದರು. ಎಲ್ವಿಸ್‌ನ ಮುಖದ ಪಕ್ಕದಲ್ಲಿ ‘ಕಳುಹಿಸಿದವರಿಗೆ ಹಿಂದಿರುಗಿಸಿ’ ಎಂಬ ಸರ್ಕಾರಿ ಮೊಹರು ಬೀಳಲಿ ಎಂದು. ಅಂಚೆಯವರು ಅಷ್ಟನ್ನೂ ಹೊತ್ತುಕೊಂಡು ಹೋದರು, ವಿಳಾಸ ಹುಡುಕಿದರು, ಮೊಹರು ಒತ್ತಿ ವಾಪಸು ತಂದುಕೊಟ್ಟರು. ಒಬ್ಬ ಗಾಯಕನ ಸಾಂಸ್ಕೃತಿಕ ಪ್ರಭಾವವನ್ನು ಅಳೆಯುವುದು ಹೇಗೆ ಎಂದು ವಿದ್ವಾಂಸರು ಪ್ರಬಂಧ ಬರೆಯುತ್ತಾರೆ. ಆ ಅಂಚೆಯಣ್ಣನ ಚೀಲವನ್ನು ತೂಗಿದ್ದರೆ ಸಾಕಿತ್ತು.

ಇದೇ ಸರ್ಕಾರದ ಕಡತಗಳನ್ನು ಮೂವತ್ತೇಳು ವರ್ಷ ಹಿಂದಕ್ಕೆ ಮಗುಚಿದರೆ ಬೇರೆಯೇ ಎಲ್ವಿಸ್ ಸಿಗುತ್ತಾನೆ. 1956ರಲ್ಲಿ ವಿಸ್ಕಾನ್ಸಿನ್ ರಾಜ್ಯದ ಲಾ ಕ್ರಾಸ್ ಊರಿನ ಒಂದು ಕ್ಯಾಥೊಲಿಕ್ ಪತ್ರಿಕೆಯವರು ಎಫ್‌ಬಿಐ ಮುಖ್ಯಸ್ಥ ಜೆ. ಎಡ್ಗರ್ ಹೂವರ್‌ಗೆ ಪತ್ರ ಬರೆದು, ಈ ಹುಡುಗ ದೇಶದ ಭದ್ರತೆಗೇ ಅಪಾಯ ಎಂದು ಎಚ್ಚರಿಸಿದ್ದರು. ಶೀತಲ ಸಮರದ ಕಾಲ; ಆಚೆ ಸೋವಿಯತ್ ಒಕ್ಕೂಟದ ಬಳಿ ಅಣುಬಾಂಬ್ ಇತ್ತು, ಈಚೆ ಎಲ್ವಿಸ್ ಬಳಿ ಹಾಡುವಾಗ ಕುಣಿಯುವ ಸೊಂಟ ಇತ್ತು. ಅದೇ ವರ್ಷ ಆಗಸ್ಟ್‌ನಲ್ಲಿ ಫ್ಲಾರಿಡಾದ ಜಾಕ್ಸನ್‌ವಿಲ್‌ನ ನ್ಯಾಯಾಧೀಶರೊಬ್ಬರು ಬಂಧನದ ವಾರಂಟ್ ಸಿದ್ಧ ಮಾಡಿಟ್ಟುಕೊಂಡು, ವೇದಿಕೆಯಲ್ಲಿ ಮೈ ಕುಣಿಸಿದರೆ ಜೋಕೆ ಎಂದರು. ಎಲ್ವಿಸ್ ಮೈ ಕುಣಿಸಲಿಲ್ಲ. ಕಂಬದಂತೆ ನಿಂತು ಕಿರುಬೆರಳನ್ನು ಮಾತ್ರ ಅಲ್ಲಾಡಿಸಿದ. ಸಭಾಂಗಣ ಕಿತ್ತುಹೋಗುವಂತೆ ಹುಡುಗಿಯರು ಕಿರುಚಿದರು. ಕಿರುಬೆರಳಿಗೆ ಯಾವ ಕಾಯ್ದೆಯಡಿ ಮೊಕದ್ದಮೆ ಹೂಡುವುದು? ನ್ಯಾಯಾಂಗ ಕೈಚೆಲ್ಲಿತು. ಇಡೀ ಕಥೆಯಲ್ಲಿ ನನಗೆ ಅತಿ ಪ್ರಿಯವಾದ ಎಲ್ವಿಸ್ ಆ ರಾತ್ರಿಯವನು.

ಟಿವಿಯವರು ಅವನನ್ನು ಸಭ್ಯಗೊಳಿಸುವ ಉಪಾಯಗಳನ್ನು ಹುಡುಕುತ್ತಿದ್ದರು. ಸ್ಟೀವ್ ಆಲೆನ್ ಕಾರ್ಯಕ್ರಮದಲ್ಲಿ ಅವನಿಗೆ ಬಾಲವಿರುವ ಕೋಟು ತೊಡಿಸಿ, ಟೋಪಿ ಹಾಕಿಸಿಕೊಂಡ ಒಂದು ಜೋಲುಕಿವಿಯ ನಾಯಿಯ ಮುಂದೆ ನಿಲ್ಲಿಸಿ ‘ಹೌಂಡ್ ಡಾಗ್’ ಹಾಡಿಸಿದರು. 1957ರ ಜನವರಿಯಲ್ಲಿ ಎಡ್ ಸುಲಿವನ್ ಕಾರ್ಯಕ್ರಮದ ಕ್ಯಾಮೆರಾ ಸೊಂಟದಿಂದ ಮೇಲೆ ಮಾತ್ರ ತೋರಿಸಿತು. ಕೋಟ್ಯಂತರ ವೀಕ್ಷಕರು ಕೆಳಗಿನ ಅರ್ಧವನ್ನು ತಾವೇ ಊಹಿಸಿಕೊಂಡು ಇನ್ನಷ್ಟು ಕೆಟ್ಟರು. ಅದೇ ಕಾರ್ಯಕ್ರಮದ ಕೊನೆಗೆ ಸುಲಿವನ್ ಅವನ ಹೆಗಲ ಬಳಿ ನಿಂತು, ಇವನು ನಿಜಕ್ಕೂ ಸಭ್ಯ ಹುಡುಗ ಎಂದು ದೇಶಕ್ಕೆ ಪ್ರಮಾಣಪತ್ರ ಕೊಟ್ಟರು. ಮೂರು ಸಲ ಕರೆಸಲು 50,000 ಡಾಲರ್ ತೆತ್ತ ಮೇಲೆ ಯಾರಿಗಾದರೂ ಸಭ್ಯತೆ ಕಾಣಿಸಲೇಬೇಕು.

ವ್ಯಾಪಾರದ ಮರ್ಮವನ್ನು ಎಲ್ಲರಿಗಿಂತ ಮೊದಲು ಅರಿತವರು ಅವನ ಮ್ಯಾನೇಜರ್ ‘ಕರ್ನಲ್’ ಟಾಮ್ ಪಾರ್ಕರ್. ಅವರು ಸೈನ್ಯದಲ್ಲಿ ಕರ್ನಲ್ ಆಗಿರಲಿಲ್ಲ. ಅದು ಲೂಸಿಯಾನದ ಗವರ್ನರ್ ಕೊಟ್ಟ ಗೌರವದ ಬಿರುದು. ಹೆಸರೂ ಟಾಮ್ ಪಾರ್ಕರ್ ಅಲ್ಲ, ಊರೂ ಅಮೆರಿಕವಲ್ಲ. ಹಾಲೆಂಡಿನ ಬ್ರೆಡಾದಲ್ಲಿ ಹುಟ್ಟಿದ ಆಂಡ್ರಿಯಾಸ್ ವಾನ್ ಕೈಕ್ ಅವರು. ‘ನನಗೆ ಎಲ್ವಿಸ್ ಇಷ್ಟ’ ಎಂಬ ಬ್ಯಾಡ್ಜನ್ನು ಅಭಿಮಾನಿಗಳಿಗೆ ಮಾರಿದ ಮೇಲೆ, ‘ನನಗೆ ಎಲ್ವಿಸ್ ಕಂಡರಾಗದು’ ಎಂಬ ಬ್ಯಾಡ್ಜನ್ನು ಉಳಿದವರಿಗೆ ಮಾರಿದರು. ದ್ವೇಷದಲ್ಲೂ ಕಮಿಷನ್ ಇದೆ ಎಂಬುದನ್ನು ಸಾಮಾಜಿಕ ಜಾಲತಾಣದವರು ಕಂಡುಕೊಳ್ಳುವ ಹೊತ್ತಿಗೆ ಕರ್ನಲ್ ಸಾಹೇಬರು ಅದನ್ನು ಜೇಬಿಗಿಳಿಸಿ ಅರ್ಧ ಶತಮಾನವೇ ಕಳೆದಿತ್ತು. ಕೊನೆಯ ವರ್ಷಗಳಲ್ಲಿ ಎಲ್ವಿಸ್‌ನ ಗಳಿಕೆಯ ಅರ್ಧದಷ್ಟು ಅವರ ಪಾಲಿಗೆ ಹೋಗುತ್ತಿತ್ತು. ಉಳಿದರ್ಧದಲ್ಲಿ ಎಲ್ವಿಸ್ ಕಾರು, ಬಂದೂಕು, ವಿಮಾನ ಕೊಳ್ಳುತ್ತಿದ್ದ.

ಬಂದೂಕಿನ ಮಾತು ಬಂದದ್ದರಿಂದ ನಿಕ್ಸನ್ ಪ್ರಸಂಗವನ್ನು ಹೇಳದೆ ಇರಲಾಗದು. 1970ರ ಡಿಸೆಂಬರ್ 21ರ ಬೆಳಗ್ಗೆ ಶ್ವೇತಭವನದ ಗೇಟಿಗೆ ಒಂದು ಕಾರು ಬಂದು ನಿಂತಿತು. ಇಳಿದವನು ಎಲ್ವಿಸ್. ಕೈಯಲ್ಲಿ ಅಧ್ಯಕ್ಷರಿಗೆಂದು ವಿಮಾನದಲ್ಲಿ ಕೂತು, ವಿಮಾನ ಕಂಪನಿಯ ಕಾಗದದ ಮೇಲೆಯೇ ಗೀಚಿದ ಆರು ಪುಟದ ಪತ್ರ. ದೇಶ ಮಾದಕ ವಸ್ತುಗಳಿಂದ ಹಾಳಾಗುತ್ತಿದೆ, ಯುವಜನರು ನನ್ನ ಮಾತು ಕೇಳುತ್ತಾರೆ, ನನ್ನನ್ನು ‘ವಿಶೇಷ ಫೆಡರಲ್ ಏಜೆಂಟ್’ ಮಾಡಿ ಎಂಬುದು ಅದರ ಸಾರ. ಬಿಡಿಸಿ ಹೇಳುವುದಾದರೆ ಅವನಿಗೆ ಮಾದಕವಸ್ತು ನಿಗ್ರಹ ದಳದ ಒಂದು ಬಿಲ್ಲೆ ಬೇಕಿತ್ತು. ಪೊಲೀಸ್ ಬಿಲ್ಲೆಗಳನ್ನು ಸಂಗ್ರಹಿಸುವ ಹುಚ್ಚು ಅವನಿಗಿತ್ತು, ಅದೊಂದು ಸಿಕ್ಕಿರಲಿಲ್ಲ. ಅಂದು ಮಧ್ಯಾಹ್ನವೇ ಒಳಗೆ ಕರೆದರು. ಮಖಮಲ್ಲಿನ ಉಡುಪು, ತಟ್ಟೆಯಗಲದ ಚಿನ್ನದ ಬಣ್ಣದ ಬೆಲ್ಟು, ದೊಡ್ಡ ಕನ್ನಡಕ. ಉಡುಗೊರೆಯಾಗಿ ಒಂದು ಕೋಲ್ಟ್ .45 ಪಿಸ್ತೂಲು ತಂದಿದ್ದ. ಅಂಗರಕ್ಷಕರು ಅದನ್ನು ಬಾಗಿಲಲ್ಲೇ ಇಸಿದುಕೊಂಡರು. ಬೀಟಲ್ಸ್ ತಂಡದವರು ಅಮೆರಿಕ ವಿರೋಧಿಗಳು ಎಂದು ಅಧ್ಯಕ್ಷರ ಕಿವಿಗೂ ಹಾಕಿದ. ನಿಕ್ಸನ್ ಬಿಲ್ಲೆ ಕೊಡಿಸಿದರು. ಕೈಕುಲುಕುವ ಫೋಟೊ ತೆಗೆಸಿಕೊಂಡರು.

ಅಮೆರಿಕದ ರಾಷ್ಟ್ರೀಯ ಪತ್ರಾಗಾರದಲ್ಲಿ ಸ್ವಾತಂತ್ರ್ಯ ಘೋಷಣೆ ಇದೆ, ಸಂವಿಧಾನದ ಮೂಲಪ್ರತಿ ಇದೆ. ಜನ ಎಲ್ಲಕ್ಕಿಂತ ಹೆಚ್ಚು ಪ್ರತಿ ಕೇಳುವ ಚಿತ್ರವೆಂದು ಹೆಸರಾದದ್ದು ಮಾತ್ರ ಆ ಫೋಟೊ. ಬಿಲ್ಲೆ ಪಡೆದ ಏಜೆಂಟನ ಮುಂದಿನ ಸೇವಾ ದಾಖಲೆಯನ್ನೂ ನೋಡಿಬಿಡೋಣ. 1977ರ ಮೊದಲ ಎಂಟು ತಿಂಗಳಲ್ಲಿ ಅವನ ವೈದ್ಯರು ಅವನ ಹೆಸರಿಗೆ ಬರೆದುಕೊಟ್ಟ ನಿದ್ದೆಮಾತ್ರೆ, ಉತ್ತೇಜಕ, ನೋವುಶಾಮಕಗಳ ಲೆಕ್ಕ ಹತ್ತು ಸಾವಿರ ಡೋಸ್ ದಾಟಿತ್ತು. ಆಗಸ್ಟ್ 16ರಂದು ಅವನು ಸತ್ತ. ಆ ಬಿಲ್ಲೆ ಅವನ ವಸ್ತುಸಂಗ್ರಹಕ್ಕೆ ಸೇರಿತು. ದೇಶದ ಭದ್ರತೆಗೆ ಅಪಾಯವಾಗಿದ್ದವನಿಗೆ 2018ರಲ್ಲಿ ಅಧ್ಯಕ್ಷರ ಸ್ವಾತಂತ್ರ್ಯ ಪದಕವೂ ಬಂತು. ಸತ್ತ ಮೇಲೆ ಸೊಂಟ ಅಲ್ಲಾಡುವುದಿಲ್ಲವಲ್ಲ.

ಎಲ್ವಿಸ್ ನಿಜವಾಗಿ ಕೆಲಸಕ್ಕೆ ಸೇರಿದ್ದು ಆಮೇಲೆ. ಮೆಂಫಿಸ್‌ನ ಗ್ರೇಸ್‌ಲ್ಯಾಂಡ್ ಮನೆಯನ್ನು 1957ರಲ್ಲಿ ಲಕ್ಷ ಡಾಲರಿಗೆ ಸ್ವಲ್ಪ ಮೇಲೆ ಕೊಟ್ಟು ಕೊಂಡಿದ್ದ. ಅವನು ಹೋದ ಮೇಲೆ ಅದನ್ನು ನಡೆಸುವ ಖರ್ಚೇ ಆಸ್ತಿಯನ್ನು ತಿನ್ನತೊಡಗಿತು. 1982ರ ಜೂನ್‌ನಲ್ಲಿ ವಿಚ್ಛೇದಿತ ಪತ್ನಿ ಪ್ರಿಸಿಲ್ಲಾ ಮುಂದೆ ನಿಂತು ಮನೆಯನ್ನು ಸಾರ್ವಜನಿಕರಿಗೆ ತೆರೆದರು. ಈಗ ವರ್ಷಕ್ಕೆ ಐದಾರು ಲಕ್ಷ ಯಾತ್ರಿಕರು. ಚಾವಣಿಗೂ ಹಸಿರು ಕಾರ್ಪೆಟ್ ಹೊಡೆಸಿದ ‘ಕಾಡಿನ ಕೋಣೆ’ ಇದೆ. ಅಧ್ಯಕ್ಷ ಜಾನ್ಸನ್ ಒಟ್ಟಿಗೆ ಮೂರು ಟಿವಿ ನೋಡುತ್ತಾರೆಂದು ಕೇಳಿ ತಾನೂ ಸಾಲಾಗಿ ಇಡಿಸಿದ ಮೂರು ಟಿವಿಗಳಿವೆ. ವಿಮಾನದಲ್ಲಿ ಚಿನ್ನದ ಲೇಪದ ಸೀಟ್ ಬೆಲ್ಟಿನ ಕೊಂಡಿಗಳಿವೆ. ಅವನು ಕೊನೆಯುಸಿರೆಳೆದ ಮಹಡಿಗೆ ಮಾತ್ರ ಪ್ರವೇಶವಿಲ್ಲ. ಗರ್ಭಗುಡಿಯ ನಿಯಮ ಮೆಂಫಿಸ್‌ನಲ್ಲೂ ಒಂದೇ. ‘ಫೋರ್ಬ್ಸ್’ 2001ರಲ್ಲಿ ಸತ್ತ ಗಣ್ಯರ ಗಳಿಕೆಯ ಪಟ್ಟಿ ಶುರು ಮಾಡಿದಾಗ ಮೊದಲ ಸ್ಥಾನ ಇವನದೇ.

ಗರ್ಭಗುಡಿ ಇದ್ದ ಮೇಲೆ ತೀರ್ಥವೂ ಬೇಕಲ್ಲವೇ? 1977ರಲ್ಲಿ ನಾರ್ತ್ ಕ್ಯಾರೊಲಿನಾದ ಷಾರ್ಲಟ್‌ನಲ್ಲಿ ಹಾಡುವಾಗ ಎಲ್ವಿಸ್ ಕುಡಿದಿಟ್ಟ ಥರ್ಮೊಕೋಲ್ ಲೋಟವನ್ನು ಒಬ್ಬ ಅಭಿಮಾನಿ ಮನೆಗೆ ಒಯ್ದಿದ್ದ. ತಳದಲ್ಲಿ ಉಳಿದ ನೀರನ್ನು ಸೀಸೆಗೆ ಹಾಕಿ ಮುಚ್ಚಿಟ್ಟ. 2004ರಲ್ಲಿ ಮೂರು ಚಮಚದಷ್ಟಿದ್ದ ಆ ನೀರು ಇಂಟರ್ನೆಟ್ ಹರಾಜಿನಲ್ಲಿ 455 ಡಾಲರಿಗೆ ಹೋಯಿತು. ಲೋಟವನ್ನು ಅವನು ಕೊಡಲಿಲ್ಲ. ನೀರು ಮಾರಿದರೂ ಪಾತ್ರೆ ಮಾರದವನು ಸಂಸಾರವಂದಿಗ.

ಇನ್ನು ವೇಷಧಾರಿಗಳು. ನಮ್ಮ ಆರ್ಕೆಸ್ಟ್ರಾದವರ ಮಾತಿನಲ್ಲಿ ‘ಜೂನಿಯರ್ ಎಲ್ವಿಸ್’ಗಳು. ಅವರ ಸಂಖ್ಯೆ ಬೆಳೆಯುತ್ತಿರುವ ವೇಗವನ್ನು ಯಾರೋ ಲೆಕ್ಕ ಹಾಕಿ, ಹೀಗೇ ಮುಂದುವರಿದರೆ 2019ರ ಹೊತ್ತಿಗೆ ಭೂಮಿಯ ಮೂವರಲ್ಲಿ ಒಬ್ಬ ಎಲ್ವಿಸ್ ವೇಷಧಾರಿಯಾಗಿರುತ್ತಾನೆ ಎಂದರು. ತಮಾಷೆಯ ಲೆಕ್ಕ, ಪತ್ರಿಕೆಗಳು ಗಂಭೀರ ಮುಖಮಾಡಿ ಮತ್ತೆ ಮತ್ತೆ ಅಚ್ಚು ಹಾಕಿದವು. ಆಸ್ಟ್ರೇಲಿಯಾದ ಪಾರ್ಕ್ಸ್ ಎಂಬ ಸಣ್ಣ ಊರಿನಲ್ಲಿ ಪ್ರತಿ ಜನವರಿ ಎಲ್ವಿಸ್ ಉತ್ಸವ. ಅಲ್ಲಿ ಜನವರಿ ಎಂದರೆ ಕಡುಬೇಸಿಗೆ, ಎಲ್ವಿಸ್ ಉಡುಪೆಂದರೆ ಕುತ್ತಿಗೆಯಿಂದ ಕಾಲ್ತುದಿವರೆಗಿನ ದಪ್ಪ ಬಟ್ಟೆ, ಮೇಲೆ ಅಂಟಿಸಿದ ಕೆನ್ನೆಗೂದಲು. ಸಿಡ್ನಿಯಿಂದ ರೈಲು ತುಂಬಾ ಎಲ್ವಿಸ್‌ಗಳು ಬೆವರುತ್ತಾ ಬಂದಿಳಿಯುತ್ತಾರೆ.

ವೇಷಕ್ಕೂ ಅಸಲಿ, ನಕಲಿ ಇದೆ. 2007ರಿಂದ ಎಲ್ವಿಸ್‌ನ ಆಸ್ತಿ ನೋಡಿಕೊಳ್ಳುವ ಕಂಪನಿಯೇ ಅತ್ಯುತ್ತಮ ಅನುಕರಣೆಗೆ ಸ್ಪರ್ಧೆ ನಡೆಸುತ್ತಿದೆ. ಅಲ್ಲಿ ಗೆದ್ದವನು ಅಧಿಕೃತ ನಕಲಿ. ಉಳಿದವರು ನಕಲಿ ನಕಲಿಗಳು. ಅವರ ಹೊಟ್ಟೆಗೆ 2022ರ ಮೇ ತಿಂಗಳಲ್ಲಿ ಕುತ್ತು ಬಂತು. ಎಲ್ವಿಸ್‌ನ ಹೆಸರು, ರೂಪಗಳ ಹಕ್ಕು ಪಡೆದಿರುವ ಅಥೆಂಟಿಕ್ ಬ್ರ್ಯಾಂಡ್ಸ್ ಗ್ರೂಪ್, ಲಾಸ್ ವೇಗಸ್‌ನ ಮದುವೆ ಮಂದಿರಗಳಿಗೆ ವಕೀಲರ ನೋಟಿಸ್ ಕಳುಹಿಸಿತು: ಎಲ್ವಿಸ್‌ನನ್ನು ಬಳಸುವುದನ್ನು ನಿಲ್ಲಿಸಿ. ಅಲ್ಲಿ ವಧೂವರರ ಕೈಹಿಡಿಸುವ ಪುರೋಹಿತ ಎಲ್ವಿಸ್‌ನೇ. ವರ್ಷಕ್ಕೆ 200 ಕೋಟಿ ಡಾಲರಿನ ಮದುವೆ ವ್ಯಾಪಾರದ ಊರು ಅದು. ಇಡೀ ಊರು ಬೊಬ್ಬೆ ಹೊಡೆಯಿತು, ಕೌಂಟಿಯ ಅಧಿಕಾರಿಗಳೂ ದನಿಗೂಡಿಸಿದರು. ಕೆಲವೇ ದಿನಗಳಲ್ಲಿ ಕಂಪನಿ ಮೆತ್ತಗಾಗಿ, ಮಾತುಕತೆಗೆ ಸಿದ್ಧ ಎಂದಿತು. ಎಲ್ವಿಸ್‌ನ ಸ್ವಂತ ಮದುವೆ ನಡೆದದ್ದೂ ಲಾಸ್ ವೇಗಸ್‌ನಲ್ಲೇ, 1967ರಲ್ಲಿ. ಆಗ ಪರವಾನಗಿ ಶುಲ್ಕವಿರಲಿಲ್ಲ. ಆರು ವರ್ಷಕ್ಕೆ ವಿಚ್ಛೇದನವಾಯಿತು. ಆದರೂ ದಾಂಪತ್ಯಕ್ಕೆ ಅವನ ಆಶೀರ್ವಾದವೇ ಬೇಕು ಎನ್ನುವವರ ಸಾಲು ಕರಗಿಲ್ಲ.

ಹಕ್ಕಿನ ವಿಷಯದಲ್ಲಿ ಇಷ್ಟು ಸೂಕ್ಷ್ಮವಾಗಿರುವವರಿಗೆ ಇನ್ನೊಂದು ಹಳೆಯ ಲೆಕ್ಕವನ್ನು ನೆನಪಿಸಬೇಕು. 1954ರ ಜುಲೈನಲ್ಲಿ ಮೆಂಫಿಸ್‌ನ ಸನ್ ಸ್ಟುಡಿಯೊದಲ್ಲಿ ಎಲ್ವಿಸ್ ಹಾಡಿದ ಮೊದಲ ಹಿಟ್ ಹಾಡು ಆರ್ಥರ್ ಕ್ರೂಡಪ್ ಎಂಬ ಕಪ್ಪು ಗಾಯಕನದು. ಕ್ರೂಡಪ್ ಹೊಲದಲ್ಲಿ ಕೂಲಿ ಮಾಡುತ್ತಾ, ತನಗೆ ಸಲ್ಲಬೇಕಾದ ರಾಯಧನಕ್ಕೆ ಅಲೆಯುತ್ತಲೇ 1974ರಲ್ಲಿ ತೀರಿಕೊಂಡರು. ನಾಯಿಯ ಮುಂದೆ ಹಾಡಿಸಿದ ಆ ‘ಹೌಂಡ್ ಡಾಗ್’ ಹಾಡನ್ನು ಎಲ್ವಿಸ್‌ಗಿಂತ ಮೊದಲು ಧ್ವನಿಮುದ್ರಿಸಿ ಗೆಲ್ಲಿಸಿದವರು ಬಿಗ್ ಮಾಮಾ ಥಾರ್ನ್‌ಟನ್ ಎಂಬ ಕಪ್ಪು ಗಾಯಕಿ. ಅವರ ಕೈಗೆ ಬಂದದ್ದು 500 ಡಾಲರಿನ ಒಂದು ಚೆಕ್. ಎಲ್ವಿಸ್ ಬಾಯಿಬಿಟ್ಟು ಹೇಳುತ್ತಿದ್ದ, ಈ ಸಂಗೀತ ಕಪ್ಪು ಜನರದು, ನನಗಿಂತ ಎಷ್ಟೋ ಮೊದಲಿಂದ ಅವರು ಹಾಡುತ್ತಿದ್ದಾರೆ ಎಂದು. ಅವನ ಆ ಮಾತಿಗೆ ಮಾತ್ರ ಯಾರೂ ಟ್ರೇಡ್‌ಮಾರ್ಕ್ ತೆಗೆದುಕೊಂಡಿಲ್ಲ.

ಇತ್ತೀಚೆಗೆ ಸತ್ತವನನ್ನು ಮತ್ತೆ ವೇದಿಕೆಗೆ ಹತ್ತಿಸುವ ಪ್ರಯತ್ನವೂ ಆಯಿತು. 2024ರ ಆರಂಭದಲ್ಲಿ ಲಂಡನ್ನಿನ ಪ್ರದರ್ಶನವೊಂದು ಕೃತಕ ಬುದ್ಧಿಮತ್ತೆ, ಹೊಲೊಗ್ರಾಮ್ ಎಂದೆಲ್ಲ ಡಂಗುರ ಸಾರಿತು. ಅಭಿಮಾನಿಗಳು ದುಬಾರಿ ಟಿಕೆಟ್ ಕೊಂಡು 2025ರ ಜುಲೈನಲ್ಲಿ ಹೋದರೆ, ಹೊಲೊಗ್ರಾಮೂ ಇಲ್ಲ, ಎದ್ದು ಬಂದ ಎಲ್ವಿಸೂ ಇಲ್ಲ. ಪರದೆಯ ಮೇಲೆ ಹಳೆಯ ದೃಶ್ಯಗಳು, ಮುಂದೆ ಒಂದಿಷ್ಟು ವಾದ್ಯಗಾರರು. ಮೋಸ, ಮೋಸ ಎಂದು ಕೂಗಾಡಿದರು. ಹಿಂದೆ ಕಛೇರಿ ಮುಗಿದರೂ ಕದಲದ ಜನರನ್ನು ಮನೆಗೆ ಕಳುಹಿಸಲು ‘ಎಲ್ವಿಸ್ ಕಟ್ಟಡ ಬಿಟ್ಟು ಹೊರಟಿದ್ದಾರೆ’ ಎಂದು ಮೈಕಿನಲ್ಲಿ ಘೋಷಿಸುತ್ತಿದ್ದರು. ಲಂಡನ್ನಿನಲ್ಲಿ ಅದನ್ನು ಟಿಕೆಟ್ ಕೌಂಟರಿನಲ್ಲೇ ಹೇಳಿಬಿಟ್ಟಿದ್ದರೆ ಎಲ್ಲರಿಗೂ ಒಳ್ಳೆಯದಿತ್ತು.

ಇಷ್ಟೆಲ್ಲ ಮಂದಿ ಮಾರುತ್ತಿರುವಾಗ ನಾನೇಕೆ ಮಾರಬಾರದು ಎಂದು ಮಿಸೌರಿಯ ಮಹಿಳೆಯೊಬ್ಬರಿಗೆ ಅನ್ನಿಸಿದ್ದರಲ್ಲಿ ಆಶ್ಚರ್ಯವಿಲ್ಲ. ಎಲ್ವಿಸ್‌ನ ಮಗಳು ಲಿಸಾ ಮೇರಿ 2023ರಲ್ಲಿ ತೀರಿಕೊಂಡ ಮೇಲೆ, ಆಕೆ ಗ್ರೇಸ್‌ಲ್ಯಾಂಡನ್ನು ಅಡವಿಟ್ಟು 38 ಲಕ್ಷ ಡಾಲರ್ ಸಾಲ ಪಡೆದಿದ್ದರೆಂದು ಒಂದು ಕಂಪನಿಯ ಹೆಸರಿನಲ್ಲಿ ಕಾಗದಪತ್ರ ಹುಟ್ಟಿಕೊಂಡವು. 2024ರ ಮೇ ತಿಂಗಳಲ್ಲಿ ಮನೆಯ ಹರಾಜಿಗೆ ಪ್ರಕಟಣೆಯೂ ಹೊರಟಿತು. ಮೊಮ್ಮಗಳು ರೈಲಿ ಕಿಯೊ ಕೋರ್ಟಿಗೆ ಹೋದರು, ನ್ಯಾಯಾಧೀಶರು ಹರಾಜು ತಡೆದರು. ಕಾಗದದಲ್ಲಿ ಸಹಿಯಿದ್ದ ನೋಟರಿ, ನಾನು ಲಿಸಾ ಮೇರಿಯವರ ಮುಖವನ್ನೇ ಕಂಡಿಲ್ಲ ಎಂದರು. ಕಂಪನಿ ಎಂಬುದೇ ಇರಲಿಲ್ಲ. ಆಮೇಲೆ ಪತ್ರಿಕೆಯೊಂದಕ್ಕೆ ಇಮೇಲ್ ಬಂತು: ಇದೆಲ್ಲ ಮಾಡಿದ್ದು ನೈಜೀರಿಯಾದ ವಂಚಕನಾದ ನಾನು ಎಂದು. ಬರೆದಿದ್ದುದು ಉಗಾಂಡಾದ ಲುಗಾಂಡ ಭಾಷೆಯಲ್ಲಿ, ಅದೂ ತಪ್ಪು ತಪ್ಪಾಗಿ. 2025ರ ಸೆಪ್ಟೆಂಬರ್‌ನಲ್ಲಿ ಮಿಸೌರಿಯ ಆ ಮಹಿಳೆಗೆ ನಾಲ್ಕು ವರ್ಷಕ್ಕೂ ಹೆಚ್ಚಿನ ಸೆರೆವಾಸ ವಿಧಿಸಲಾಯಿತು. ಎಲ್ವಿಸ್‌ನ ಧ್ವನಿ, ನಡಿಗೆ, ಕೂದಲು ನಕಲು ಮಾಡಿದವರಿಗೆ ಮೆಂಫಿಸ್‌ನಲ್ಲಿ ಬಹುಮಾನವಿದೆ. ಮಗಳ ಸಹಿ ನಕಲು ಮಾಡುವ ವಿಭಾಗವನ್ನು ಎಲ್ವಿಸ್ ಕಂಪನಿಯವರು ಇನ್ನೂ ತೆರೆದಿಲ್ಲ.