ಇನುಯಿಟ್ ಮಕ್ಕಳ ಪುಸ್ತಕ ಯಾವ ಲಿಪಿಯಲ್ಲಿರಬೇಕು? ಪರ – ವಿರೋಧ

2021ರ ಜನಗಣತಿ ಪ್ರಕಾರ ಕೆನಡಾದಲ್ಲಿ ಉತ್ತರ ಧ್ರುವದ ಕಡೆಯ ಮೂಲನಿವಾಸಿಗಳಾದ ಇನುಯಿಟ್ ಜನ 70 ಸಾವಿರಕ್ಕಿಂತ ಸ್ವಲ್ಪ ಜಾಸ್ತಿ. ನಮ್ಮ ಒಂದು ಸಾಧಾರಣ ತಾಲ್ಲೂಕಿನಷ್ಟೂ ಇಲ್ಲ. ಆದರೆ ಅವರ ನೆಲ ಪೂರ್ವದ ಲ್ಯಾಬ್ರಡಾರ್ ಕರಾವಳಿಯಿಂದ ಪಶ್ಚಿಮದಲ್ಲಿ ಅಲಾಸ್ಕಾ ಗಡಿಯ ಹತ್ತಿರದವರೆಗೆ ಹರಡಿದೆ. ಅವರ ಮಾತಿನ ಎಲ್ಲ ಬಗೆಗಳಿಗೂ ಸೇರಿ ಇನುಕ್ಟುಟ್ ಎಂಬ ಹೆಸರಿದೆ. ಬರೆಯುವ ರೀತಿ ಮಾತ್ರ ಒಂದೇ ಇಲ್ಲ. ಕೆನಡಾದ ಉತ್ತರದ ಆಡಳಿತ ಪ್ರದೇಶವಾದ ನುನಾವುಟ್‌ನ ಬಹುಪಾಲು ಊರುಗಳಲ್ಲಿ ಮತ್ತು ಕ್ವಿಬೆಕ್‌ನ ಉತ್ತರದಲ್ಲಿರುವ ನುನಾವಿಕ್‌ನಲ್ಲಿ ಸಿಲಬಿಕ್ಸ್ ಎಂಬ ಲಿಪಿ ನಡೆಯುತ್ತದೆ. ಪಶ್ಚಿಮದ ಇನುವಿಯಾಲುಯಿಟ್ ಮತ್ತು ಲ್ಯಾಬ್ರಡಾರಿನ ನುನಾಟ್ಸಿಯಾವುಟ್ ಸೀಮೆಗಳಲ್ಲಿ ರೋಮನ್.

ಸಿಲಬಿಕ್ಸ್‌ನಲ್ಲಿ ಒಂದು ಚಿಹ್ನೆ ಎಂದರೆ ಒಂದು ಉಚ್ಚಾರ. ತುದಿ ಮೇಲಕ್ಕಿದ್ದು ಬುಡ ತೆರೆದಿರುವ ತ್ರಿಕೋನ ಬರೆಯಿರಿ, ಅದು 'ಪಿ'. ಅದರ ತುದಿಯನ್ನು ಬಲಕ್ಕೆ ತಿರುಗಿಸಿದರೆ 'ಪು', ಎಡಕ್ಕೆ ತಿರುಗಿಸಿದರೆ 'ಪ'. ಮೇಲೊಂದು ಚುಕ್ಕಿ ಇಟ್ಟರೆ ದೀರ್ಘ. ನಮ್ಮ ಕಾಗುಣಿತದಲ್ಲಿ ಗುಡಿಸು, ಕೊಂಬು ಮಾಡುವ ಕೆಲಸವನ್ನು ಅಲ್ಲಿ ದಿಕ್ಕು ಮಾಡುತ್ತದೆ. ಅಮೆರಿಕದ ಚೆರೋಕೀ ಜನರಿಗೆ 1821ರ ಹೊತ್ತಿಗೆ ಸಿಕ್ವೋಯಾ ಕಟ್ಟಿಕೊಟ್ಟ ಲಿಪಿಯೂ ಉಚ್ಚಾರಕ್ಕೊಂದು ಚಿಹ್ನೆಯದೇ. ಆದರೆ ಅದರ 85 ಚಿಹ್ನೆಗಳನ್ನು ಒಂದೊಂದಾಗಿ ನೆನಪಿಡಬೇಕು. ಇಲ್ಲಿ ಆ ಹೊರೆ ಇಲ್ಲ.

2019ರ ಸೆಪ್ಟೆಂಬರ್‌ನಲ್ಲಿ ಇನುಯಿಟ್ ಜನರ ರಾಷ್ಟ್ರಮಟ್ಟದ ಸಂಘಟನೆಯಾದ ಇನುಯಿಟ್ ತಪಿರೀತ್ ಕನಾತಮಿ ನಾಲ್ಕೂ ಸೀಮೆಗಳಿಗೆ ಹೊಂದುವ ಒಂದು ರೋಮನ್ ಬರಹವನ್ನು ಒಪ್ಪಿಕೊಂಡಿತು. ಬಳಸುವುದು, ಬಿಡುವುದು ಆಯಾ ಸೀಮೆಗೆ ಬಿಟ್ಟದ್ದು, ಸಿಲಬಿಕ್ಸ್ ತೆಗೆದುಹಾಕುವುದಿಲ್ಲ ಎಂದೂ ಹೇಳಿತು. ಹಾಗಿದ್ದರೂ ಪ್ರಶ್ನೆ ಉಳಿದೇ ಇದೆ: ಶಾಲೆಯ ಪಾಠ, ಪುಸ್ತಕಗಳನ್ನೆಲ್ಲ ಈ ಒಂದೇ ರೋಮನ್ ಬರಹಕ್ಕೆ ತರಬೇಕೇ?

ಪರ: ತರಬೇಕು, ಬೇಗ ತರಬೇಕು

ಇನುಕ್ಟುಟ್ ಪುಸ್ತಕ ಬರೆಯುವವರು ಬೆರಳೆಣಿಕೆಯಷ್ಟು ಮಂದಿ. ಚಿತ್ರ ಬರೆಯಬೇಕು, ಅಚ್ಚು ಹಾಕಿಸಬೇಕು, ರಸ್ತೆಯೇ ಇಲ್ಲದ ಊರುಗಳಿಗೆ ವಿಮಾನದಲ್ಲಿ ಕಳಿಸಬೇಕು. ಇಷ್ಟೆಲ್ಲ ಆದ ಮೇಲೂ ನುನಾವುಟ್‌ನ ರಾಜಧಾನಿ ಇಕಾಲುಯಿಟ್‌ನಲ್ಲಿ ಸಿಲಬಿಕ್ಸ್‌ನಲ್ಲಿ ಅಚ್ಚಾದ ಕಥೆಪುಸ್ತಕವನ್ನು ಲ್ಯಾಬ್ರಡಾರಿನ ಮಗು ಓದಲಾರದು. ಯಾರಾದರೂ ಓದಿ ಹೇಳಿದರೆ ಒಂದಷ್ಟು ಅರ್ಥವಾಗುತ್ತದೆ. ಪುಟ ನೋಡಿದರೆ ಮಾತ್ರ ಏನೂ ಗೊತ್ತಾಗುವುದಿಲ್ಲ. ಇರುವುದೇ ಇಷ್ಟು ಜನ. ಅವರಲ್ಲಿ ಇನುಕ್ಟುಟ್ ಆಡುವವರು ಇನ್ನೂ ಕಡಿಮೆ. ಅಂಥವರನ್ನು ಲಿಪಿಯ ಲೆಕ್ಕದಲ್ಲಿ ಮತ್ತೆ ಹೋಳು ಮಾಡಿದರೆ ಪುಸ್ತಕಕ್ಕೆ ಓದುಗರು ಎಲ್ಲಿಂದ ಬರಬೇಕು?

ಕರ್ನಾಟಕದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಕೊಂಕಣಿಯನ್ನೇ ನೋಡಿ. ಮಂಗಳೂರಿನಲ್ಲಿ ಕನ್ನಡ ಲಿಪಿ, ಗೋವಾದಲ್ಲಿ ದೇವನಾಗರಿ ಮತ್ತು ರೋಮನ್, ಕೇರಳದಲ್ಲಿ ಮಲಯಾಳಂ. ಒಂದೇ ಭಾಷೆಯ ಒಳ್ಳೆಯ ಕವಿಯೊಬ್ಬರು ಪಕ್ಕದ ರಾಜ್ಯದ ಕೊಂಕಣಿಗರಿಗೆ ತಲುಪಬೇಕಾದರೆ ಯಾರಾದರೂ ಕೂತು ಲಿಪಿ ಬದಲಿಸಿ ಬರೆಯಬೇಕು. ಕೊಂಕಣಿಯನ್ನು ಲಕ್ಷಾಂತರ ಜನ ಆಡುತ್ತಾರೆ, ಹೇಗೋ ತಡೆದುಕೊಂಡಿದೆ. ಇನುಕ್ಟುಟ್‌ಗೆ ಆ ತಾಕತ್ತು ಇಲ್ಲ.

ರೋಮನ್ ಬಳಸುವವರಲ್ಲೂ ಒಗ್ಗಟ್ಟಿರಲಿಲ್ಲ ಎನ್ನುವುದನ್ನು ಮರೆಯಬಾರದು. ಗಂಟಲ ಹಿಂಭಾಗದಿಂದ ಬರುವ ಒಂದು ಬಗೆಯ 'ಕ' ಸದ್ದಿಗೆ ಲ್ಯಾಬ್ರಡಾರಿನಲ್ಲಿ ದೊಡ್ಡ 'ಕೆ' ಬರೆಯುತ್ತಾರೆ, ಪದದ ನಡುವೆ ಬಂದರೂ ದೊಡ್ಡದೇ. ಬೇರೆ ಕಡೆ ಅದೇ ಸದ್ದಿಗೆ 'ಕ್ಯೂ' ಅಕ್ಷರ. ಲ್ಯಾಬ್ರಡಾರಿನ ಬರಹ 1771ರಲ್ಲಿ ಅಲ್ಲಿನ ನೈನ್ ಊರಿಗೆ ಬಂದ ಮೊರೇವಿಯನ್ ಮಿಷನರಿಗಳಿಂದ ಶುರುವಾದದ್ದು. ಈಗ ಒಂದೇ ಬರಹ ಬೇಕೆಂದರೆ ಅವರೂ ತಮ್ಮದೊಂದನ್ನು ಬಿಡಬೇಕು. ಅಂದರೆ ಸಿಲಬಿಕ್ಸ್‌ನವರು ಮಾತ್ರ ಸೋಲುವ ಆಟ ಇದಲ್ಲ.

ಸಿಲಬಿಕ್ಸ್ ಸುಲಭ ಎನ್ನುವ ಮಾತು ಅರ್ಧ ಸತ್ಯ. 'ಪಿ ಪು ಪ' ಸುಲಭ, ಒಪ್ಪೋಣ. ಆದರೆ ಇನುಕ್ಟುಟ್ ಪದಗಳು ಉದ್ದುದ್ದ, ನಡುನಡುವೆ ವ್ಯಂಜನದ ಮೇಲೆ ವ್ಯಂಜನ ಬರುತ್ತದೆ. ಸ್ವರವಿಲ್ಲದ ವ್ಯಂಜನಕ್ಕೆ ಮೇಲ್ಗಡೆ ಪುಟ್ಟದಾಗಿ ಬೇರೆ ಚಿಹ್ನೆ ಹಾಕಬೇಕು. ಹಳೆಯ ಬರಹದಲ್ಲಿ ಈ ಪುಟ್ಟ ಚಿಹ್ನೆಯನ್ನೂ ದೀರ್ಘದ ಚುಕ್ಕಿಯನ್ನೂ ಬಿಟ್ಟೇ ಬರೆಯುತ್ತಿದ್ದರು. ಓದುವವರು ಸಂದರ್ಭ ನೋಡಿ ಊಹಿಸಿಕೊಳ್ಳಬೇಕಿತ್ತು. ಮನೆಯಲ್ಲಿ ಇನುಕ್ಟುಟ್ ಆಡುತ್ತಾ ಬೆಳೆದವರಿಗೆ ಅದು ಸರಿ. ಶಾಲೆಯಲ್ಲಿ ಹೊಸದಾಗಿ ಭಾಷೆ ಕಲಿಯುವ ಮಗು ಏನನ್ನು ಊಹಿಸೀತು?

ಇನ್ನು ನಟ್ಟಿಲಿಕ್ ಜನರ ವಿಷಯ. ನುನಾವುಟ್‌ನಲ್ಲೇ ಇರುವ ಇವರ ಮಾತಿನಲ್ಲಿ ಬೇರೆ ಕಡೆ ಇಲ್ಲದ ಕೆಲವು ಸದ್ದುಗಳಿವೆ. ಅವಕ್ಕೆ ಬೇಕಾದ ಸಿಲಬಿಕ್ಸ್ ಚಿಹ್ನೆಗಳು ಕಂಪ್ಯೂಟರ್, ಫೋನುಗಳು ಅಕ್ಷರ ಗುರುತಿಸುವ ಯೂನಿಕೋಡ್ ಪಟ್ಟಿಗೆ ಸೇರಿದ್ದು 2021ರಲ್ಲಿ. ಉಳಿದ ಸಿಲಬಿಕ್ಸ್ 1999ರಲ್ಲೇ ಸೇರಿತ್ತು. ಅಷ್ಟು ವರ್ಷ ಒಂದು ಸಮುದಾಯ ತನ್ನ ಮಾತನ್ನು ಫೋನಿನಲ್ಲಿ ಸರಿಯಾಗಿ ಬರೆಯಲಾಗದೆ ಕಾಯಿತು. ರೋಮನ್‌ನಲ್ಲಿ ಆದರೆ ಎಲ್ಲರ ಕೈಯಲ್ಲೂ ಇರುವ ಅಕ್ಷರಗಳನ್ನೇ ಜೋಡಿಸಿಕೊಂಡು ಅಂದೇ ಬರೆಯಬಹುದು.

ರೋಮನ್ ಬಂದರೆ ಭಾಷೆ ಇಂಗ್ಲಿಷ್ ಪಾಲಾಗುತ್ತದೆ ಎನ್ನುವವರು ಗ್ರೀನ್‌ಲ್ಯಾಂಡ್ ಕಡೆ ನೋಡಬೇಕು. ಅಲ್ಲಿನವರೂ ಇದೇ ಇನುಯಿಟ್ ಕುಟುಂಬದ ಮಾತಿನವರೇ. ಸ್ಯಾಮ್ಯುಯೆಲ್ ಕ್ಲೈನ್‌ಶ್ಮಿಟ್ 1851ರಲ್ಲಿ ಅವರ ರೋಮನ್ ಬರಹಕ್ಕೆ ಒಂದು ಕ್ರಮ ಕೊಟ್ಟರು. 1861ರಲ್ಲಿ ಅವರ ಭಾಷೆಯ ಪತ್ರಿಕೆ ಹೊರಟಿತು. ಹಳೆಯ ಬರಹ ಬಾಯಿಮಾತಿನಿಂದ ದೂರವಾಯಿತು ಅನಿಸಿದಾಗ 1973ರಲ್ಲಿ ತಿದ್ದಿಕೊಂಡರು. 2009ರಿಂದ ಗ್ರೀನ್‌ಲ್ಯಾಂಡಿನಲ್ಲಿ ಅಧಿಕೃತ ಭಾಷೆ ಎಂದರೆ ಅದೊಂದೇ, ಡ್ಯಾನಿಶ್‌ಗೂ ಆ ಪಟ್ಟ ಇಲ್ಲ. ಕೆನಡಾದ ಇನುಯಿಟ್ ಮಕ್ಕಳು ರೋಮನ್ ಬರಹ ಕಲಿತರೆ ಗ್ರೀನ್‌ಲ್ಯಾಂಡಿನ ಒಂದೂವರೆ ಶತಮಾನದ ಬರವಣಿಗೆಯ ಬಾಗಿಲೂ ಅವರಿಗೆ ತೆರೆಯುತ್ತದೆ. ಇದು ಸಣ್ಣ ಲಾಭವೇನಲ್ಲ.

ವಿರೋಧ: ಇದ್ದದ್ದನ್ನು ಕಿತ್ತು ಏನನ್ನು ಉಳಿಸುತ್ತೀರಿ?

ಸಿಲಬಿಕ್ಸ್ ಇನುಯಿಟ್ ಜನರ ನಡುವೆ ಹೇಗೆ ಹರಡಿತು ಎನ್ನುವುದರಿಂದಲೇ ಶುರು ಮಾಡಬೇಕು. ಮೆಥಡಿಸ್ಟ್ ಮಿಷನರಿ ಜೇಮ್ಸ್ ಇವಾನ್ಸ್ 1840ರಲ್ಲಿ ಕೆನಡಾದ ನಾರ್ವೆ ಹೌಸ್ ಎಂಬಲ್ಲಿ ಇನ್ನೊಂದು ಮೂಲನಿವಾಸಿ ಸಮುದಾಯವಾದ ಕ್ರೀ ಜನರ ಭಾಷೆಗೆ ಈ ಲಿಪಿಯಲ್ಲಿ ಅಚ್ಚು ಶುರು ಮಾಡಿದ. ಚಹಾ ಪೆಟ್ಟಿಗೆಯೊಳಗಿನ ಸೀಸದ ಹಾಳೆ ಕರಗಿಸಿ ಅಚ್ಚಿನ ಮೊಳೆ ಎರಕ ಹೊಯ್ದ, ತುಪ್ಪುಳು ಚರ್ಮದ ಗಂಟುಗಳನ್ನು ಒತ್ತುವ ಯಂತ್ರವನ್ನೇ ಮುದ್ರಣಕ್ಕೆ ಬಳಸಿದ ಎನ್ನುತ್ತಾರೆ. ಅವನ ಲಿಪಿಯ ಹಿಂದೆ ಶೀಘ್ರಲಿಪಿಯ ಜೊತೆಗೆ ದೇವನಾಗರಿಯ ನೆರಳೂ ಇದೆ ಎಂದು ಕೆಲವು ವಿದ್ವಾಂಸರು ಹೇಳುತ್ತಾರೆ. ಕ್ರೀ ಜನರ ಬಾಯಿಮಾತಿನ ಇತಿಹಾಸ ಬೇರೆ. ಅವರ ಪ್ರಕಾರ ಈ ಲಿಪಿ ಬಂದದ್ದು ಕಾಲಿಂಗ್ ಬ್ಯಾಡ್ಜರ್ ಎಂಬ ಅವರದೇ ಹಿರಿಯನಿಂದ. ಆಮೇಲೆ ಹಾರ್ಡನ್, ವಾಟ್ಕಿನ್ಸ್ ಎಂಬ ಪಾದ್ರಿಗಳು ಅದನ್ನು ಇನುಕ್ಟುಟ್‌ಗೆ ಒಗ್ಗಿಸಿದರು. 1876ರಲ್ಲಿ ಹಡ್ಸನ್ ಕೊಲ್ಲಿಗೆ ಬಂದ ಎಡ್ಮಂಡ್ ಪೆಕ್ ಅದರಲ್ಲಿ ಪುಸ್ತಕ ತಂದರು.

ಪಾದ್ರಿಗಳ ಪಾತ್ರ ಅಲ್ಲಿಗೆ ಬಹುಪಾಲು ಮುಗಿಯಿತು. ಮುಂದಿನದು ಜನರದೇ ಕೆಲಸ. ಆಗ ಶಾಲೆ ಇರಲಿಲ್ಲ. ಬೇಟೆಗೆ ಹೋದವರು ಒಂದು ಬಿಡಾರದಿಂದ ಇನ್ನೊಂದು ಬಿಡಾರಕ್ಕೆ ಪುಟ್ಟ ಪುಸ್ತಕ ಒಯ್ದರು. ತಾಯಿ ಮಗುವಿಗೆ ಕಲಿಸಿದಳು, ಅಣ್ಣ ತಮ್ಮನಿಗೆ ಕಲಿಸಿದ. ಪಾದ್ರಿಯನ್ನೇ ನೋಡದ ಊರುಗಳಲ್ಲೂ ಜನ ಓದು-ಬರಹ ಕಲಿತಿದ್ದರು. ಸಂಬಳದ ಮೇಷ್ಟ್ರು ಇಲ್ಲದೆ, ಪರೀಕ್ಷೆ ಇಲ್ಲದೆ ಒಂದು ಲಿಪಿ ಹೀಗೆ ಹಬ್ಬುವುದು ಅಪರೂಪ. ಉಚ್ಚಾರಕ್ಕೊಂದು ಚಿಹ್ನೆ ಇದ್ದದ್ದರಿಂದಲೇ ಅದು ಆಯಿತು. ಬಾಯಲ್ಲಿ 'ಪು' ಅಂದರೆ ಕೈಯಲ್ಲಿ 'ಪು' ಬರುತ್ತದೆ. ವ್ಯಂಜನ ಬೇರೆ, ಸ್ವರ ಬೇರೆ ಎಂದು ಮೊದಲು ಒಡೆದು ಆಮೇಲೆ ಕೂಡಿಸುವ ಗೋಜಿಲ್ಲ. ಕನ್ನಡದಲ್ಲಿ ಅಕ್ಷರ ಕಲಿತವರಿಗೆ ಇದು ಥಟ್ಟನೆ ಹೊಳೆಯುತ್ತೆ ಅಲ್ವಾ?

ಆ ಬರಹದಲ್ಲಿ ಏನೇನಿದೆ ಎಂದೂ ನೋಡಬೇಕು. ನುನಾವಿಕ್‌ನ ಮಿತಿಯಾರ್ಜುಕ್ ನಪ್ಪಾಲುಕ್ ಶಾಲೆಗೆ ಹೋದವರಲ್ಲ. ಗೊತ್ತಿದ್ದದ್ದು ಸಿಲಬಿಕ್ಸ್ ಮಾತ್ರ. ಅದರಲ್ಲೇ ತನ್ನ ಜನರ ಬದುಕಿನ ಕಥೆಯನ್ನು ಕಾದಂಬರಿಯಾಗಿ ಬರೆದರು, ಅದು 1984ರಲ್ಲಿ ಸಿಲಬಿಕ್ಸ್‌ನಲ್ಲೇ ಅಚ್ಚಾಯಿತು. ಪುವಿರ್ನಿಟುಕ್ ಊರಿನ ತಾಮುಸಿ ಕುಮಾಕ್ ಇನುಕ್ಟುಟ್ ಪದಗಳಿಗೆ ಇನುಕ್ಟುಟ್‌ನಲ್ಲೇ ಅರ್ಥ ಬರೆದ ನಿಘಂಟು ಕಟ್ಟಿದರು. 1991ರಲ್ಲಿ ಪ್ರಕಟವಾದ ಅದೂ ಸಿಲಬಿಕ್ಸ್‌ನಲ್ಲೇ. ಇವುಗಳ ಜೊತೆಗೆ ಮನೆಮನೆಯ ಪೆಟ್ಟಿಗೆಗಳಲ್ಲಿ ಕಾಗದಗಳಿವೆ, ದಿನಚರಿಗಳಿವೆ. ರೋಮನ್ ಮಾತ್ರ ಕಲಿತ ಮೊಮ್ಮಗಳು ಅಜ್ಜಿಯ ಕಾಗದವನ್ನು ಕೈಯಲ್ಲಿ ಹಿಡಿದು ಬೇರೆಯವರ ಹತ್ತಿರ ಓದಿಸಬೇಕಾಗುತ್ತದೆ. ಪುಸ್ತಕ ಹಂಚಿಕೊಳ್ಳುವ ಅನುಕೂಲಕ್ಕೆ ಇಷ್ಟು ದೊಡ್ಡ ಬೆಲೆಯೇ?

ಯಂತ್ರಕ್ಕಾಗಿ ಲಿಪಿ ಕತ್ತರಿಸಿದ ಅನುಭವ ಇನುಯಿಟ್ ಜನರಿಗೆ ಆಗಲೇ ಆಗಿದೆ. ಮೊದಲು ಈ ಲಿಪಿಯಲ್ಲಿ 'ಪಿ ಪು ಪ' ಜೊತೆಗೆ 'ಪೈ'ಗೂ ಒಂದು ಚಿಹ್ನೆ ಇತ್ತು. ಅದೇ ತ್ರಿಕೋನ, ತುದಿ ಕೆಳಕ್ಕೆ. ಎಲ್ಲ ವ್ಯಂಜನಗಳಿಗೂ ಹೀಗೊಂದು ಸಾಲು. 1976ರಲ್ಲಿ ಬರಹವನ್ನು ಏಕರೂಪ ಮಾಡುವಾಗ ಈ ಇಡೀ ಸಾಲನ್ನು ಕೈಬಿಟ್ಟರು. ಆ ಕಾಲದ ಐಬಿಎಂ ಸೆಲೆಕ್ಟ್ರಿಕ್ ಟೈಪ್‌ರೈಟರಿನ ಉರುಟು ಗುಂಡಿನಲ್ಲಿ 88 ಗುರುತುಗಳಿಗಷ್ಟೇ ಜಾಗ. ಎಲ್ಲ ಚಿಹ್ನೆ ಹಿಡಿಸುತ್ತಿರಲಿಲ್ಲ. ಒಂದೇ ಚಿಹ್ನೆಯಲ್ಲಿ ಮುಗಿಯುತ್ತಿದ್ದ 'ಪೈ' ಅಂದಿನಿಂದ 'ಪ' ಮತ್ತು 'ಇ' ಎಂದು ಎರಡಾಯಿತು. ಕೆಲವೇ ವರ್ಷಗಳಲ್ಲಿ ಕಂಪ್ಯೂಟರ್ ಬಂತು, ಟೈಪ್‌ರೈಟರ್ ಮೂಲೆ ಸೇರಿತು. ನುನಾವಿಕ್‌ನವರು ಆ ಸಾಲನ್ನು ವಾಪಸ್ ತಂದುಕೊಂಡರು, ನುನಾವುಟ್‌ನವರು ತರಲಿಲ್ಲ. ಒಂದುಗೂಡಿಸಲು ಮಾಡಿದ ಕೆಲಸದಿಂದ ಇದ್ದ ಬರಹವೇ ಎರಡು ತೆರ ಆಯಿತು. ಈಗ ಕೀಬೋರ್ಡಿನ ಹೆಸರಿನಲ್ಲಿ ಇಡೀ ಲಿಪಿಯನ್ನೇ ಬಿಡಿ ಅನ್ನುವವರು ಈ ಕಥೆಯನ್ನು ಒಮ್ಮೆ ಓದಿಕೊಳ್ಳಬೇಕು.

ಅದೂ ಅಲ್ಲದೆ ಲಿಪಿಯಿಂದ ಲಿಪಿಗೆ ಬದಲಿಸುವುದು ಇವತ್ತು ಕಷ್ಟದ ಕೆಲಸವಲ್ಲ. ಸಿಲಬಿಕ್ಸ್‌ನ ಒಂದೊಂದು ಚಿಹ್ನೆಗೂ ರೋಮನ್‌ನಲ್ಲಿ ನೇರ ಜೋಡಿ ಇದೆ. 2024ರಲ್ಲಿ ಗೂಗಲ್ ಟ್ರಾನ್ಸ್‌ಲೇಟ್‌ಗೆ ಇನುಕ್ಟುಟ್ ಸೇರಿದಾಗ ಎರಡೂ ಲಿಪಿಗಳಲ್ಲಿ ಸೇರಿತು. ಲ್ಯಾಬ್ರಡಾರಿನ ಮಗುವಿಗೆ ರೋಮನ್ ಪುಸ್ತಕ ಬೇಕೇ? ಹಾಗೇ ಅಚ್ಚು ಹಾಕಿ. ಅದಕ್ಕೋಸ್ಕರ ಇಕಾಲುಯಿಟ್‌ನ ಮಗು ತನ್ನದನ್ನು ಬಿಡಬೇಕಿಲ್ಲ. ಕೊಂಕಣಿಯ ಮಾತು ಬಂತಲ್ಲ, ಅದರ ಇನ್ನೊಂದು ಮುಖವನ್ನೂ ಹೇಳಬೇಕು. ಗೋವಾದ 1987ರ ಕಾಯ್ದೆ ದೇವನಾಗರಿ ಕೊಂಕಣಿಯನ್ನು ಮಾತ್ರ ಅಧಿಕೃತ ಮಾಡಿತು. ರೋಮನ್‌ನಲ್ಲಿ ಬರೆಯುತ್ತಿದ್ದವರು ತಮ್ಮನ್ನು ಹೊರಗಿಟ್ಟರು ಎಂದು ಇವತ್ತಿಗೂ ಕೇಳುತ್ತಿದ್ದಾರೆ. ಒಂದೇ ಲಿಪಿ ಎಂದು ಘೋಷಿಸಿದ ಮಾತ್ರಕ್ಕೆ ಜನ ಒಂದಾಗಲಿಲ್ಲ.

ಗ್ರೀನ್‌ಲ್ಯಾಂಡಿನ ಉದಾಹರಣೆ ಇಲ್ಲಿಗೆ ಹೊಂದುವುದಿಲ್ಲ. ಅಲ್ಲಿ ಭಾಷೆ ಉಳಿದದ್ದು ಶಾಲೆ, ಪತ್ರಿಕೆ, ಸರ್ಕಾರ ಎಲ್ಲ ಅದರಲ್ಲಿ ನಡೆದದ್ದರಿಂದ. ನುನಾವುಟ್‌ನ ಹೆಚ್ಚಿನ ಶಾಲೆಗಳಲ್ಲಿ ಮೂರು-ನಾಲ್ಕನೇ ತರಗತಿ ದಾಟುತ್ತಿದ್ದ ಹಾಗೇ ಪಾಠ ಇಂಗ್ಲಿಷಿಗೆ ತಿರುಗುತ್ತದೆ. ಇಂಗ್ಲಿಷ್ ಹೀಗೆ ಸುತ್ತಲೂ ಇರುವಾಗ ಮಗುವಿಗೆ ಎರಡೂ ಭಾಷೆಯನ್ನು ಒಂದೇ ಅಕ್ಷರಗಳಲ್ಲಿ ಕೊಟ್ಟರೆ ಇನುಕ್ಟುಟ್ ಪದವನ್ನೂ ಅದು ಇಂಗ್ಲಿಷ್ ಸದ್ದಿನಲ್ಲೇ ಓದುತ್ತದೆ. ಬೇರೆ ಲಿಪಿ ಕಂಡ ಕೂಡಲೇ ನಾಲಿಗೆ ಬೇರೆ ದಾರಿ ಹಿಡಿಯುತ್ತದೆ. ನುನಾವುಟ್‌ನ ರಸ್ತೆಯಲ್ಲಿ 'ಸ್ಟಾಪ್' ಬೋರ್ಡಿನ ಮೇಲೆ ಸಿಲಬಿಕ್ಸ್ ಇದೆ. ಇದು ನಮ್ಮ ಊರು ಅಂತ ಮಗುವಿಗೆ ಹೇಳುವುದಕ್ಕೆ ಅಷ್ಟು ಸಾಕು.

ನುನಾವುಟ್ ಸರ್ಕಾರ 2020ರಲ್ಲಿ ಶಿಕ್ಷಣ ಕಾಯ್ದೆ ತಿದ್ದಿ, ಎಲ್ಲ ತರಗತಿಗಳಲ್ಲೂ ಇನುಕ್ಟುಟ್ ಭಾಷಾ ಪಾಠ ತರುವ ಕೆಲಸವನ್ನು ಹಂತಹಂತವಾಗಿ 2039ರವರೆಗೆ ಎಳೆಯಿತು. ಅಷ್ಟು ತಡ ಯಾಕೆ? ಪಾಠ ಮಾಡುವವರು ಸಾಲದು, ಅದಕ್ಕೆ. ಇನುಕ್ಟುಟ್ ಚೆನ್ನಾಗಿ ಬಲ್ಲ ಮೇಷ್ಟ್ರುಗಳಲ್ಲಿ ಹೆಚ್ಚಿನವರು ಸಿಲಬಿಕ್ಸ್‌ನಲ್ಲೇ ಓದಿ ಬರೆದು ಬೆಳೆದವರು. ಅವರನ್ನು ಈಗ ಕೂರಿಸಿ ಹೊಸ ಕಾಗುಣಿತ ಕಲಿಸುವುದಕ್ಕೆ ಹಾಕುವ ದುಡ್ಡು, ವರ್ಷಗಳಲ್ಲಿ ಇನ್ನೊಂದಷ್ಟು ಮೇಷ್ಟ್ರುಗಳನ್ನು ತಯಾರು ಮಾಡಿ. ಅವರು ಬೋರ್ಡಿನ ಮೇಲೆ ಯಾವ ಲಿಪಿಯಲ್ಲಿ ಬರೆಯಬೇಕು ಅನ್ನುವುದನ್ನು ಆಯಾ ಊರಿನ ತಂದೆತಾಯಿ ನೋಡಿಕೊಳ್ಳುತ್ತಾರೆ.