ವಸೂಲಾತಿ ನೂರಕ್ಕೆ ತೊಂಬತ್ತೆಂಟು ಎಂಬ ಲೆಕ್ಕದ ಒಳಗೆ

ನಮ್ಮ ಬಾಗಲಕೋಟೆ, ಮುಧೋಳ, ಜಮಖಂಡಿ ಭಾಗದ ಪ್ರಾಥಮಿಕ ಕೃಷಿ ಪತ್ತಿನ ಸಹಕಾರ ಸಂಘಗಳ ವಾರ್ಷಿಕ ವರದಿಗಳಲ್ಲಿ ಎಲ್ಲಕ್ಕಿಂತ ಹೆಮ್ಮೆಯಿಂದ ಅಚ್ಚಾಗುವ ಅಂಕಿ ಸಾಲ ವಸೂಲಾತಿಯ ಪ್ರಮಾಣ. ಲೆಕ್ಕಪರಿಶೋಧನೆಯ ಕೆಲಸದಲ್ಲಿರುವ ನನಗೆ ಈ ಅಂಕಿಯನ್ನು ಕಂಡಾಗಲೆಲ್ಲ ಸಮಾಧಾನಕ್ಕಿಂತ ಅನುಮಾನವೇ ಹೆಚ್ಚಾಗುತ್ತದೆ. "ನಮ್ಮದು ನೂರಕ್ಕೆ ತೊಂಬತ್ತೆಂಟು ವಸೂಲಿ ಐತ್ರೀ ಸಾಹೇಬ್ರ" ಎಂದು ಕಾರ್ಯದರ್ಶಿಗಳು ಹೇಳುವುದು ಸುಳ್ಳಲ್ಲ. ಪುಸ್ತಕದಲ್ಲಿ ಅಷ್ಟು ಹಣ ಜಮಾ ಆಗಿರುತ್ತದೆ. ಆದರೆ ಆ ಹಣ ಎಲ್ಲಿಂದ ಬಂದಿತೆಂಬುದನ್ನು ಬರೆಯಲು ಪುಸ್ತಕದಲ್ಲಿ ಕಾಲಮ್ಮೇ ಇಲ್ಲ.

ನಡೆಯುವುದು ಹೀಗೆ. ಶೂನ್ಯ ಬಡ್ಡಿಯ ಬೆಳೆಸಾಲ ಬೇಕಾದರೆ ಗಡುವಿನೊಳಗೆ ಅಸಲನ್ನು ಪೂರ್ತಿ ಕಟ್ಟಬೇಕು. ಆ ಸಾಲದ ಮಿತಿಯನ್ನು ರಾಜ್ಯ ಸರ್ಕಾರ 2023ರಲ್ಲಿ 3 ಲಕ್ಷದಿಂದ 5 ಲಕ್ಷ ರೂಪಾಯಿಗೆ ಏರಿಸಿದ ಮೇಲೆ ಒಮ್ಮೆಗೇ ಕಟ್ಟಬೇಕಾದ ಮೊತ್ತವೂ ದೊಡ್ಡದಾಯಿತು. ಕಬ್ಬು ಕಳಿಸಿದ 14 ದಿನಗಳೊಳಗೆ ಕಾರ್ಖಾನೆ ಹಣ ಕೊಡಬೇಕೆಂದು 1966ರ ಕಬ್ಬು ನಿಯಂತ್ರಣ ಆದೇಶ ಹೇಳುತ್ತದೆ, ತಡವಾದರೆ ಶೇ. 15ರ ಬಡ್ಡಿಯನ್ನೂ ವಿಧಿಸುತ್ತದೆ. ಆದರೂ ಬಿಲ್ಲು ಬರುವ ದಿನ ಮತ್ತು ಸೊಸೈಟಿಯ ಗಡುವು ಒಂದಕ್ಕೊಂದು ಕೂಡಿಬರುವುದು ಅದೃಷ್ಟದ ಮಾತು. ಹಾಗಾಗಿ ಅನೇಕ ರೈತರು ಮಾರ್ಚ್ ಕೊನೆಗೆ ಅಡತಿ ಅಂಗಡಿಯವರಿಂದಲೋ, ಊರಿನ ಸಾವುಕಾರರಿಂದಲೋ ತಿಂಗಳಿಗೆ ನೂರಕ್ಕೆ ಮೂರು ರೂಪಾಯಿ ಬಡ್ಡಿಯ ಕೈಗಡ ತಂದು ಸಂಘಕ್ಕೆ ಕಟ್ಟುತ್ತಾರೆ, ಕೆಲವು ದಿನಗಳಲ್ಲೇ ಅದೇ ಸಂಘದಿಂದ ಹೊಸ ಸಾಲ ಪಡೆದು ಕೈಗಡವನ್ನು ತೀರಿಸುತ್ತಾರೆ. ಸಂಘದ ಪುಸ್ತಕದ ಪ್ರಕಾರ ಇವರು ಉತ್ತಮ ಸಾಲಗಾರರು. ನಿಜದಲ್ಲಿ ಇವರ ಸಾಲ ಆ ಕೆಲವು ದಿನಗಳ ಮಟ್ಟಿಗೆ ಮನೆ ಬದಲಿಸಿ ಮತ್ತೆ ವಾಪಸು ಬಂದಿದೆ, ಅಷ್ಟೆ. ಇದರಲ್ಲಿ ರೈತರ ತಪ್ಪೇನನ್ನೂ ನಾನು ಕಾಣೆ. ನಿಯಮವೇ ಅವರನ್ನು ಈ ದಾರಿಗೆ ತಳ್ಳಿದೆ.

ಸುಸ್ತಿಯಾದ, ಅಂದರೆ ಗಡುವಿಗೆ ಕಟ್ಟದೆ ಉಳಿದ ಸಾಲ ಕಣ್ಣಿಗೆ ಕಾಣುತ್ತದೆ, ಅದಕ್ಕೆ ನೋಟಿಸು ಹೋಗುತ್ತದೆ, ಅದರ ಬಗ್ಗೆ ಆಡಳಿತ ಮಂಡಳಿಯಲ್ಲಿ ಚರ್ಚೆಯಾಗುತ್ತದೆ. ಮುಂದಿನ ಸಾಲ ಸಿಕ್ಕೇ ಸಿಗುತ್ತದೆಂಬ ಭರವಸೆಯ ಮೇಲೆ ಮಾತ್ರ ವೇಳೆಗೆ ಸರಿಯಾಗಿ ತೀರುತ್ತಿರುವ ಸಾಲ ಯಾರ ಕಣ್ಣಿಗೂ ಬೀಳುವುದಿಲ್ಲ. ಹಣಕಾಸಿನ ಬಿಕ್ಕಟ್ಟುಗಳನ್ನು ಅರ್ಥಮಾಡಿಕೊಳ್ಳಬೇಕೆಂದರೆ ಈ ಎರಡನೆಯ ಬಗೆಯ ಸಾಲವನ್ನೇ ಹಿಡಿದು ನೋಡಬೇಕೆಂಬುದು ನನ್ನ ಅಭಿಪ್ರಾಯ.

ಆ ಭರವಸೆ ಅಲುಗಾಡಿದ ಒಂದು ಸಂದರ್ಭ ನಮ್ಮ ರಾಜ್ಯದಲ್ಲೇ ಇತ್ತೀಚೆಗೆ ಬಂದಿತ್ತು. ಸೊಸೈಟಿಗೆ ಹಣ ಬರುವುದು ಜಿಲ್ಲಾ ಕೇಂದ್ರ ಸಹಕಾರ ಬ್ಯಾಂಕಿನಿಂದ, ಅದಕ್ಕೆ ರಾಜ್ಯ ಮಟ್ಟದ ಅಪೆಕ್ಸ್ ಬ್ಯಾಂಕಿನಿಂದ, ಅಪೆಕ್ಸ್ ಬ್ಯಾಂಕಿಗೆ ದೊಡ್ಡ ಭಾಗ ಕೃಷಿ ಮತ್ತು ಗ್ರಾಮೀಣಾಭಿವೃದ್ಧಿಯ ರಾಷ್ಟ್ರೀಯ ಬ್ಯಾಂಕಾದ ನಬಾರ್ಡ್‌ನಿಂದ. 2023–24ರಲ್ಲಿ 5,600 ಕೋಟಿ ರೂಪಾಯಿಯಷ್ಟಿದ್ದ ನಬಾರ್ಡ್‌ನ ರಿಯಾಯಿತಿ ಬಡ್ಡಿಯ ಅಲ್ಪಾವಧಿ ಸಾಲದ ಮಿತಿಯನ್ನು 2024–25ಕ್ಕೆ 2,340 ಕೋಟಿಗೆ ಇಳಿಸಲಾಯಿತು. ಮುಖ್ಯಮಂತ್ರಿ ಸಿದ್ದರಾಮಯ್ಯನವರು 2024ರ ನವೆಂಬರ್‌ನಲ್ಲಿ ದೆಹಲಿಗೆ ಹೋಗಿ ಕೇಂದ್ರ ಹಣಕಾಸು ಸಚಿವೆಯ ಮುಂದೆ ಈ ವಿಷಯ ಇಟ್ಟರು. ಪತ್ರಿಕೆಗಳು ಇದನ್ನು ರಾಜ್ಯ ಮತ್ತು ಕೇಂದ್ರದ ಜಗಳವೆಂದು ಓದಿಕೊಂಡವು. ನಾನು ಅದನ್ನು ಬೇರೆ ರೀತಿಯಲ್ಲಿ ಓದಿದೆ. ಮೇಲಿನ ಮಿತಿ ಇಳಿದಾಗ ಕೆಳಗಿನ ಪ್ರತಿ ಹಂತವೂ ತನ್ನ ಕೈಯನ್ನು ಸ್ವಲ್ಪ ಸ್ವಲ್ಪ ಬಿಗಿ ಮಾಡುತ್ತದೆ. ಕೊನೆಯ ಹಂತದಲ್ಲಿ, ಕೈಗಡ ತಂದು ಹಳೆಯ ಸಾಲ ಕಟ್ಟಿ ಹೊಸದಕ್ಕಾಗಿ ಕಾಯುತ್ತಿರುವ ರೈತನಿಗೆ "ಮುಂದಿನ ತಿಂಗಳು ನೋಡೋಣ" ಎಂಬ ಉತ್ತರ ಸಿಕ್ಕರೆ, ಹತ್ತು ದಿನಕ್ಕೆಂದು ತಂದ ಕೈಗಡ ವರ್ಷಗಟ್ಟಲೆ ಉಳಿಯುತ್ತದೆ. ಅವನ ಹೊಲ ಅಷ್ಟೇ ಇದೆ, ಬೆಳೆ ಚೆನ್ನಾಗಿದೆ, ಅವನು ದಿವಾಳಿಯೂ ಆಗಿಲ್ಲ. ಸಾಲದ ಬಿಗಿತವೆಂದರೆ ಇದೇ.

2008ರ ಸೆಪ್ಟೆಂಬರ್ 15ರಂದು ದಿವಾಳಿ ಅರ್ಜಿ ಹಾಕಿದ ಅಮೆರಿಕದ ಹೂಡಿಕೆ ಬ್ಯಾಂಕ್ ಲೀಮನ್ ಬ್ರದರ್ಸ್‌ನ ಕತೆ ಮೊತ್ತದಲ್ಲಿ ಬೇರೆ, ರಚನೆಯಲ್ಲಿ ಬೇರೆಯಲ್ಲ. ಸುಮಾರು 63,900 ಕೋಟಿ ಡಾಲರ್ ಆಸ್ತಿ ತೋರಿಸಿದ್ದ ಆ ಸಂಸ್ಥೆ, ಮನೆ ಮತ್ತು ಕಟ್ಟಡಗಳ ಸಾಲಪತ್ರಗಳಂಥ ಬೇಗ ಮಾರಲಾಗದ ಸ್ವತ್ತುಗಳನ್ನು ಕೊಳ್ಳಲು ಬಳಸುತ್ತಿದ್ದ ಹಣದಲ್ಲಿ ದೊಡ್ಡ ಪಾಲು ಒಂದು ರಾತ್ರಿಯ ಮಟ್ಟಿಗೆ ಅಥವಾ ಕೆಲವೇ ದಿನಗಳಿಗೆ ಪಡೆದದ್ದು. ಹೊಸ ಸಾಲದಿಂದ ಹಳೆಯದನ್ನು ತೀರಿಸುವ ನವೀಕರಣವನ್ನು ನಮ್ಮ ರೈತ ವರ್ಷಕ್ಕೊಮ್ಮೆ ಮಾಡಿದರೆ ಅದನ್ನೇ ಅವರು ದಿನಬೆಳಗಾದರೆ ಮಾಡುತ್ತಿದ್ದರು. ಆಸ್ತಿಗಳ ಬೆಲೆಯ ಬಗ್ಗೆ ಅನುಮಾನ ಹುಟ್ಟಿದಾಗ ಕೊಡುವವರು ಒಬ್ಬೊಬ್ಬರಾಗಿ ಕೈ ಎತ್ತಿದರು.

ನಮ್ಮ ದೇಶದಲ್ಲಿ ಇದರ ಪಾಠ ಕಲಿಸಿದ್ದು 2018ರ ಐಎಲ್ ಅಂಡ್ ಎಫ್‌ಎಸ್ ಎಂಬ ಹಣಕಾಸು ಸಮೂಹದ ಕುಸಿತ. ರಸ್ತೆ, ವಿದ್ಯುತ್, ಜಮ್ಮು ಕಾಶ್ಮೀರದ ಚೆನಾನಿ–ನಾಶ್ರಿ ಸುರಂಗದಂಥ ಯೋಜನೆಗಳಲ್ಲಿ ತೊಡಗಿದ್ದ ಈ ಸಮೂಹದ ಸಾಲ ಸುಮಾರು 91,000 ಕೋಟಿ ರೂಪಾಯಿ. ಸುರಂಗದ ಹಣ ವಾಪಸು ಬರಲು ದಶಕಗಳು ಬೇಕು. ಸಾಲದ ಒಂದು ಭಾಗವಾದರೋ ಕೆಲವು ತಿಂಗಳಲ್ಲಿ ತೀರಿಸಬೇಕಾದ ಕಾಗದಗಳ ಮೇಲೆ ತಂದದ್ದು. ಕೆಲವೇ ವಾರಗಳ ಹಿಂದೆ ಅತ್ಯುನ್ನತ ರೇಟಿಂಗ್ ಹೊಂದಿದ್ದ ಸಂಸ್ಥೆ ಸೆಪ್ಟೆಂಬರ್‌ನಲ್ಲಿ ಸುಸ್ತಿದಾರನಾಯಿತು. ನನಗೆ ಮುಖ್ಯವೆನಿಸುವುದು ಆಮೇಲಿನದು: ಅದೇ ತಿಂಗಳ 21ರಂದು ಒಂದು ಮ್ಯೂಚುವಲ್ ಫಂಡ್ ಗೃಹಸಾಲ ಸಂಸ್ಥೆಯಾದ ಡಿಎಚ್‌ಎಫ್‌ಎಲ್‌ನ ಸಾಲಪತ್ರಗಳನ್ನು ಅಗ್ಗಕ್ಕೆ ಮಾರಿತೆಂಬ ಸುದ್ದಿಗೇ ಆ ಕಂಪನಿಯ ಷೇರು ಒಂದೇ ದಿನದಲ್ಲಿ ಶೇ. 40ಕ್ಕೂ ಹೆಚ್ಚು ಬಿದ್ದಿತು. ಆ ಕಂಪನಿಯ ಒಳಗಿನ ವಂಚನೆಯ ಆರೋಪಗಳು ನಂತರ ಹೊರಬಂದವು, ಅದು ಬೇರೆ ಮಾತು. ಆ ದಿನ ಹೂಡಿಕೆದಾರರಿಗೆ ಗೊತ್ತಿದ್ದದ್ದು ಒಂದೇ, ಇವರೂ ಹೊಸ ಸಾಲ ತಂದು ಹಳೆಯದನ್ನು ಕಟ್ಟುವವರು.

ಅಮೆರಿಕದ ಅರ್ಥಶಾಸ್ತ್ರಜ್ಞ ಹೈಮನ್ ಮಿನ್ಸ್ಕಿ ಸಾಲಗಾರರನ್ನು ಮೂರು ಬಗೆಯಾಗಿ ವಿಂಗಡಿಸಿದ್ದರು: ಆದಾಯದಿಂದ ಅಸಲು, ಬಡ್ಡಿ ಎರಡನ್ನೂ ಕಟ್ಟುವವರು, ಬಡ್ಡಿಯನ್ನು ಮಾತ್ರ ಕಟ್ಟಿ ಅಸಲನ್ನು ನವೀಕರಿಸುತ್ತಾ ಹೋಗುವವರು, ಬಡ್ಡಿ ಕಟ್ಟಲೂ ಹೊಸ ಸಾಲ ಬೇಕಾದವರು. ಒಳ್ಳೆಯ ಕಾಲ ಹೆಚ್ಚು ದಿನ ನಡೆದಷ್ಟೂ ಜನ ಮೊದಲನೆಯ ಗುಂಪಿನಿಂದ ಮೂರನೆಯದರತ್ತ ಜಾರುತ್ತಾರೆ ಎಂಬುದು ಅವರ ವಾದದ ತಿರುಳು. ನಮ್ಮಲ್ಲಿ ಮೂರನೆಯ ಗುಂಪನ್ನು ನೋಡಲು ಮೈಕ್ರೋ ಫೈನಾನ್ಸ್ ಸಂಘಗಳ ಕಡೆಗೆ ತಿರುಗಿದರೆ ಸಾಕು. ಸೋಮವಾರ ಒಂದು ಕಂಪನಿಯ ಕಂತು, ಗುರುವಾರ ಇನ್ನೊಂದರದು. ಇದರಿಂದ ತೆಗೆದು ಅದಕ್ಕೆ ಕಟ್ಟುವುದು. ಕುಟುಂಬದ ಒಟ್ಟು ಕಂತು ತಿಂಗಳ ಆದಾಯದ ಅರ್ಧ ದಾಟಬಾರದೆಂದು ರಿಸರ್ವ್ ಬ್ಯಾಂಕ್ 2022ರಲ್ಲೇ ನಿಯಮ ಮಾಡಿತ್ತು, ಆದರೆ ಕೂಲಿ ಮಾಡುವ ಮನೆಯ ಆದಾಯವನ್ನು ಬರೆಯುವ ಪೆನ್ನು ಸಾಲ ಕೊಡಬೇಕಾದ ಏಜೆಂಟನ ಕೈಯಲ್ಲೇ ಇತ್ತು. ಮೈಕ್ರೋ ಫೈನಾನ್ಸ್ ಕಂಪನಿಗಳ ಒಕ್ಕೂಟ 2024ರಲ್ಲಿ ಒಬ್ಬರಿಗೆ ಸಾಲ ಕೊಡುವ ಸಂಸ್ಥೆಗಳ ಸಂಖ್ಯೆಯನ್ನು ಮೊದಲು ನಾಲ್ಕಕ್ಕೆ, ನಂತರ ಮೂರಕ್ಕೆ ಇಳಿಸುವ ನಿರ್ಧಾರ ಮಾಡಿತು. ನಿರ್ಧಾರ ಸರಿಯಾದದ್ದೇ. ಆದರೆ ನಾಲ್ಕನೆಯ ಸಾಲದಿಂದ ಮೂರನೆಯದನ್ನು ಕಟ್ಟುತ್ತಿದ್ದ ಮಹಿಳೆಗೆ ಆ ಸರಿಯಾದ ನಿರ್ಧಾರವೇ ಸುಸ್ತಿಗೆ ಕಾರಣವಾಯಿತು. ವಸೂಲಿಗೆ ಬಂದವರ ದಬ್ಬಾಳಿಕೆ, ಊರು ಬಿಟ್ಟ ಕುಟುಂಬಗಳು, ಆ ದಬ್ಬಾಳಿಕೆ ತಡೆಯಲು 2025ರ ಫೆಬ್ರವರಿಯಲ್ಲಿ ರಾಜ್ಯ ಸರ್ಕಾರ ತಂದ ಸುಗ್ರೀವಾಜ್ಞೆ, ಇವೆಲ್ಲ ಎಲ್ಲರಿಗೂ ಗೊತ್ತಿರುವ ಸಂಗತಿಗಳು.

ಒತ್ತೆ ಇದ್ದರೆ ಭಯವಿಲ್ಲವೆಂಬ ನಂಬಿಕೆಯೂ ಅರ್ಧ ಸತ್ಯ. ವಿಜಯಪುರ, ತಿಕೋಟಾ ಕಡೆಯ ದ್ರಾಕ್ಷಿ ಬೆಳೆಗಾರರು ಒಣದ್ರಾಕ್ಷಿಯನ್ನು ಕೋಲ್ಡ್ ಸ್ಟೋರೇಜಿನಲ್ಲಿಟ್ಟು ಅದರ ಮೇಲೆ ಸಾಲ ಪಡೆಯುತ್ತಾರೆ. ಲೆಕ್ಕಕ್ಕೆಂದು ಕಿಲೋ ದರ 200 ರೂಪಾಯಿ, ಅದರ ಶೇ. 70ರಂತೆ ಸಾಲ 140 ಎಂದಿಟ್ಟುಕೊಳ್ಳೋಣ. ದರ 150ಕ್ಕೆ ಇಳಿದರೆ ಅದೇ ಪ್ರಮಾಣದಲ್ಲಿ ನಿಲ್ಲುವ ಸಾಲ 105 ಮಾತ್ರ. ಉಳಿದ 35 ರೂಪಾಯಿ ಕಟ್ಟಿರೆಂದು ಸಾಲ ಕೊಟ್ಟವರು ಕೇಳುತ್ತಾರೆ. ಕಟ್ಟಲು ಕೈಯಲ್ಲಿ ಹಣವಿಲ್ಲದಿದ್ದರೆ ಮಾಲನ್ನೇ ಮಾರಬೇಕು. ಒಬ್ಬರು ಮಾರಿದರೆ ಪೇಟೆಗೆ ಗೊತ್ತಾಗುವುದಿಲ್ಲ. ಎಲ್ಲರೂ ಅದೇ ಹದಿನೈದು ದಿನಗಳಲ್ಲಿ ತಾಸಗಾಂವ್, ಸಾಂಗಲಿ ಪೇಟೆಗೆ ಮಾಲು ತಂದರೆ 150 ಕೂಡ ಉಳಿಯುವುದಿಲ್ಲ, ಆಗ ಮತ್ತೊಂದು ಸುತ್ತಿನ ನೋಟಿಸು. ಪ್ರತಿಯೊಬ್ಬ ಸಾಲದಾತನೂ ತನ್ನ ಮಟ್ಟಿಗೆ ವಿವೇಕದಿಂದಲೇ ನಡೆದಿರುತ್ತಾನೆ, ಆ ವಿವೇಕಗಳೆಲ್ಲ ಕೂಡಿ ಒತ್ತೆಯ ಬೆಲೆಯನ್ನು ಮುರಿದಿರುತ್ತವೆ.

ಆದ್ದರಿಂದ ಬಿಕ್ಕಟ್ಟಿನ ಹೊತ್ತಿನಲ್ಲಿ ಬ್ಯಾಂಕುಗಳನ್ನು ಬೈಯುವುದರಲ್ಲಿ ನನಗೆ ಹೆಚ್ಚು ಆಸಕ್ತಿಯಿಲ್ಲ. ಅಂಥ ಹೊತ್ತಿನಲ್ಲಿ ಎಲ್ಲರೂ ಹಿಂದೆ ಸರಿದಾಗ ಮುಂದೆ ಬರಲು ಒಬ್ಬರು ಬೇಕು, ಅದು ಕೇಂದ್ರ ಬ್ಯಾಂಕಿನ ಕೆಲಸ. ಬ್ಯಾಂಕುಗಳು ತನ್ನಲ್ಲಿ ಇಡಬೇಕಾದ ನಗದು ಮೀಸಲನ್ನು ರಿಸರ್ವ್ ಬ್ಯಾಂಕ್ 2008ರ ಅಕ್ಟೋಬರ್‌ನಿಂದ ಮೂರ್ನಾಲ್ಕು ತಿಂಗಳಲ್ಲಿ ಶೇ. 9ರಿಂದ 5ಕ್ಕೆ, ಬ್ಯಾಂಕುಗಳಿಗೆ ತಾನು ಕೊಡುವ ಅಲ್ಪಾವಧಿ ಸಾಲದ ಬಡ್ಡಿಯಾದ ರೆಪೋ ದರವನ್ನು 2009ರ ಏಪ್ರಿಲ್ ವೇಳೆಗೆ ಶೇ. 9ರಿಂದ 4.75ಕ್ಕೆ ಇಳಿಸಿದ್ದು ಇದೇ ಕಾರಣಕ್ಕೆ. ಆದರೆ ಈ ಬಾಗಿಲು ಬ್ಯಾಂಕುಗಳಿಗಾಗಿ ಇರುವಂಥದ್ದು. ನಮ್ಮೂರಿನ ಸೊಸೈಟಿ, ಪತ್ತಿನ ಸಂಘ, ಸೌಹಾರ್ದ ಸಹಕಾರಿಗಳು ಆ ಬಾಗಿಲಿಗೆ ಹೋಗಿ ನಿಲ್ಲುವಂತಿಲ್ಲ. ಬ್ಯಾಂಕಿನ ಠೇವಣಿಗೆ 2020ರಿಂದ 5 ಲಕ್ಷ ರೂಪಾಯಿವರೆಗೆ ವಿಮೆಯಿದೆ, ಸಹಕಾರಿ ಬ್ಯಾಂಕುಗಳಿಗೂ ಅದು ಅನ್ವಯಿಸುತ್ತದೆ. ಪತ್ತಿನ ಸಂಘ ಮತ್ತು ಸೌಹಾರ್ದಗಳ ಠೇವಣಿಗೆ ಇಲ್ಲ. ಅರ್ಧ ಶೇಕಡಾ ಹೆಚ್ಚು ಬಡ್ಡಿಗೆಂದು ನಿವೃತ್ತಿಯ ಹಣವನ್ನೆಲ್ಲ ಒಂದೇ ಕಡೆ ಇಡುವವರಿಗೆ ಇದನ್ನು ಯಾರೂ ಹೇಳುವುದಿಲ್ಲ, ಹಾಗಾಗಿ ಇಲ್ಲಿ ಹೇಳಿದೆ.

ನವೀಕರಣದಿಂದ ತೀರಿದ ಸಾಲವೆಷ್ಟು, ಆದಾಯದಿಂದ ತೀರಿದ್ದೆಷ್ಟು ಎಂಬ ಲೆಕ್ಕವನ್ನು ವಾರ್ಷಿಕ ವರದಿಯಲ್ಲಿ ಬೇರೆಯಾಗಿ ತೋರಿಸಬೇಕೆಂದು ನಾನು ಸಲಹೆ ಕೊಟ್ಟಾಗಲೆಲ್ಲ ಬರುವ ಆಕ್ಷೇಪ ಒಂದೇ: ಅದನ್ನು ನೋಡಿ ಸದಸ್ಯರು ಹೆದರಿ ಠೇವಣಿ ಕಿತ್ತುಕೊಂಡರೆ ಇಲ್ಲದ ಬಿಕ್ಕಟ್ಟನ್ನು ನಾವೇ ತಂದಂತಾಗುತ್ತದೆ. ಇದು ಹಗುರವಾದ ಆಕ್ಷೇಪವಲ್ಲ, ಹೆದರಿಕೆಯಿಂದ ಗಟ್ಟಿ ಸಂಸ್ಥೆಗಳೂ ಮುಳುಗಿದ್ದುಂಟು. ಆದರೆ ಮುಂಬಯಿಯ ಪಿಎಂಸಿ ಬ್ಯಾಂಕಿನಲ್ಲಿ ಸಾಲದ ಬಹುಪಾಲು ಒಂದೇ ಕಟ್ಟಡ ನಿರ್ಮಾಣ ಸಮೂಹಕ್ಕೆ ಹೋಗಿದ್ದನ್ನು ಸಾವಿರಾರು ನಕಲಿ ಖಾತೆಗಳ ಹಿಂದೆ ಮುಚ್ಚಿಟ್ಟ ಫಲವಾಗಿ, 2019ರ ಸೆಪ್ಟೆಂಬರ್‌ನಲ್ಲಿ ಠೇವಣಿದಾರರು ಮೊದಲಿಗೆ ಕೇವಲ 1,000 ರೂಪಾಯಿ ತೆಗೆಯುವ ಸ್ಥಿತಿಗೆ ಬಂದರು. ನಮ್ಮ ಸಂಘಗಳ ನವೀಕರಣ ವಂಚನೆಯಲ್ಲ. ಹಾಗಿರುವಾಗ ಅದನ್ನು ಹೇಳಿಕೊಳ್ಳಲು ಅಂಜಿಕೆ ಏಕೆ?

ಕೆಲಸವೂ ಕಷ್ಟದ್ದಲ್ಲ. ದೇಶದ 63,000 ಪ್ರಾಥಮಿಕ ಸಂಘಗಳ ಗಣಕೀಕರಣಕ್ಕೆ ಕೇಂದ್ರ ಸರ್ಕಾರ 2022ರಲ್ಲಿ 2,516 ಕೋಟಿ ರೂಪಾಯಿಯ ಯೋಜನೆಗೆ ಒಪ್ಪಿಗೆ ಕೊಟ್ಟಿದೆ. ಲೆಕ್ಕ ಕಂಪ್ಯೂಟರಿಗೆ ಬಂದಿರುವ ಸಂಘದಲ್ಲಿ ಪ್ರತಿ ಖಾತೆಯ ಮಾರ್ಚ್ ತಿಂಗಳ ಜಮಾ ದಿನಾಂಕ ಮತ್ತು ಏಪ್ರಿಲ್‌ನ ಸಾಲ ವಿತರಣೆಯ ದಿನಾಂಕಗಳನ್ನು ಪಕ್ಕಪಕ್ಕದಲ್ಲಿಟ್ಟು ತೋರಿಸಲು ಕಾರ್ಯದರ್ಶಿಗೆ ಒಂದು ಮಧ್ಯಾಹ್ನ ಸಾಕು. ಸದಸ್ಯರ ಹೆಸರು ಬೇಡ, ಮೊತ್ತ ಮತ್ತು ಪ್ರಮಾಣ ಮಾತ್ರ ಇರಲಿ. ಸೆಪ್ಟೆಂಬರ್‌ನಲ್ಲಿ ಸೊಸೈಟಿಯ ಮಹಾಸಭೆಗೆ ಹೋಗುವವರು ಲಾಭಾಂಶ ಎಷ್ಟೆಂದು ಕೇಳುವ ಮೊದಲು ಈ ಪಟ್ಟಿಯನ್ನು ಕೇಳಿ ಎಂಬುದು ನನ್ನ ವಿನಂತಿ.