ಬಾಟಿಕ್: ಮೇಣದ ಹದವೇ ಮುಖ್ಯ
ಬಾಟಿಕ್ ಎಂದರೆ ಮೇಣ ಹಚ್ಚಿದ ಕಡೆ ಬಣ್ಣ ಹಿಡಿಯದಂತೆ ತಡೆದು ಬಟ್ಟೆಯ ಮೇಲೆ ಚಿತ್ತಾರ ಮೂಡಿಸುವ ಕಲೆ. ಮೇಣ ಬಳಿದು ಬಣ್ಣದಲ್ಲಿ ಅದ್ದಿದರೆ ಬಾಟಿಕ್ ಆಯಿತು ಎಂದು ಒಂದೇ ಸಾಲಿನಲ್ಲಿ ಮುಗಿಸುವುದುಂಟು. ಇಂಡೋನೇಷ್ಯಾದ ಜಾವಾ ದ್ವೀಪದ ಸೋಲೋ, ಯೋಗ್ಯಕರ್ತ ನಗರಗಳ ಹಳೆಯ ಪದ್ಧತಿ ಅಷ್ಟು ಸಲೀಸಲ್ಲ. ಚಾಂಟಿಂಗ್ ಎಂಬ, ತಾಮ್ರದ ಮೂತಿಯ ಲೇಖನಿಯಂಥ ಸಾಧನದಿಂದ ಬಿಸಿ ಮೇಣದ ಗೆರೆ ಎಳೆದು, ಬಟ್ಟೆ ತಿರುಗಿಸಿ ಹಿಂಬದಿಯಲ್ಲೂ ಅದೇ ಗೆರೆಯ ಮೇಲೆ ಹೋಗಬೇಕು. ಮೇಣ ಅತಿಯಾಗಿ ಕಾದರೆ ಗೆರೆ ಹರಡುತ್ತದೆ; ಆರಿದರೆ ಮೂತಿ ಕಟ್ಟಿಕೊಳ್ಳುತ್ತದೆ, ನೂಲಿಗೆ ಇಳಿಯದ ಮೇಣ ಬಣ್ಣದ ತೊಟ್ಟಿಯಲ್ಲಿ ಕಳಚಿಕೊಳ್ಳುತ್ತದೆ. ಮೊದಲು ನೀಲಿ. ಆಮೇಲೆ ಕಂದು ಬರಬೇಕಾದಲ್ಲಿ ಮೇಣ ಕೆರೆದು, ನೀಲಿ ಉಳಿಯಬೇಕಾದಲ್ಲಿ ಮತ್ತೆ ಮೇಣ ಹಚ್ಚಿ, ಸೋಗಾ ಎಂಬ ಕಂದು ಬಣ್ಣಕ್ಕೆ ಅದ್ದುತ್ತಾರೆ. ಎರಡೂ ಬಣ್ಣ ತಣ್ಣಗಿರಬೇಕು, ಇಲ್ಲದಿದ್ದರೆ ಮೇಣ ಕರಗುತ್ತದೆ. ಕೊನೆಗೆ ಕುದಿನೀರಿನಲ್ಲಿ ಮೇಣ ಬಿಡಿಸುವುದು. ಕೊಳ್ಳುವವರು ಹಿಂಬದಿ ನೋಡಿ: ಮಾಸಲಾಗಿದ್ದರೆ ಹೆಚ್ಚಾಗಿ ಅದು ಯಂತ್ರದಲ್ಲಿ ಮುದ್ರಿಸಿದ್ದು.